ಮದ್ರಾಸಿನಲ್ಲಿ ಹುಟ್ಟಿದ ಹಾಲಿವುಡ್ ಹುಡುಗ... ಹೆಸರು 'ನದಿ'!

ಮದ್ರಾಸಿನಲ್ಲಿ ಹುಟ್ಟಿ ಹಾಲಿವುಡ್‌ನಲ್ಲಿ ಮೆರೆದ ಹೀರೋ ಯಾರು, ಹೇಳಿ ನೋಡೋಣ?

ಕೋಡಂಬಾಕ್ಕಂ, ವಾಹಿನಿ ಸ್ಟುಡಿಯೋ ಅಂತ ಸುಮ್ಮನೆ ತಲೆ ಕೆಡಿಸಿಕೊಳ್ಳಬೇಡಿ. ಇದು ಆ ಮದ್ರಾಸಲ್ಲ. ಅಮೆರಿಕದ ಆರೆಗಾನ್ ರಾಜ್ಯದಲ್ಲೂ ಒಂದು ಮದ್ರಾಸ್ ಇದೆ. ಪುಟ್ಟ ಊರು. ನಮ್ಮ ಮದ್ರಾಸಿನಿಂದ ಹಡಗು ಹತ್ತಿ ಹೋಗುತ್ತಿದ್ದ ಹತ್ತಿ ಬಟ್ಟೆಯ ಹೆಸರನ್ನೇ ಆ ಊರಿಗೂ ಇಟ್ಟರು ಎಂಬ ಮಾತಿದೆ. 1970ರ ಆಗಸ್ಟ್ 23ರಂದು ಅಲ್ಲಿ ಒಂದು ಗಂಡು ಮಗು ಹುಟ್ಟಿತು. ಅಪ್ಪ ಅಮ್ಮ ಇಬ್ಬರೂ ಹಿಪ್ಪಿಗಳು. ಮನೆ ಇಲ್ಲ, ಮಠ ಇಲ್ಲ, ಊರೂರು ಅಲೆದಾಟ. ಮಗುವಿಗೆ ಏನು ಹೆಸರಿಡೋದು? ಜಾನ್, ಜಾರ್ಜ್, ರಾಬರ್ಟ್ ಎಂಬ ಮಾಮೂಲು ಹೆಸರು ಅವರಿಗೆ ಬೇಕಿರಲಿಲ್ಲ. ಇಟ್ಟರು ನೋಡಿ... ರಿವರ್!

ಹೌದು ಸ್ವಾಮಿ, ರಿವರ್ ಅಂದರೆ ನದಿ, ಹೊಳೆ. ಮುಂದೆ ರಿವರ್ ಫೀನಿಕ್ಸ್ ಎಂಬ ಹೆಸರಿನಿಂದ ಹದಿನೆಂಟನೇ ವಯಸ್ಸಿಗೇ ಆಸ್ಕರ್ ಬಾಗಿಲು ಬಡಿದ ಹುಡುಗ ಇವನೇ.

ಈ ಹೆಸರು ಅವರಿಗೆ ಸಿಕ್ಕಿದ್ದು ಎಲ್ಲಿ ಅಂತೀರಾ? ಒಂದು ಕಾದಂಬರಿಯಲ್ಲಿ. ಜರ್ಮನ್ ಲೇಖಕ ಹರ್ಮನ್ ಹೆಸ್ಸೆ 1922ರಲ್ಲಿ ಬರೆದ 'ಸಿದ್ಧಾರ್ಥ'. ಕಥೆ ನಡೆಯೋದು ನಮ್ಮ ಭಾರತದಲ್ಲಿ, ಬುದ್ಧನ ಕಾಲದಲ್ಲಿ. ಮನೆ ಬಿಟ್ಟು ಹೊರಟ ಬ್ರಾಹ್ಮಣರ ಹುಡುಗ ಎಲ್ಲವನ್ನೂ ನೋಡಿ, ಎಲ್ಲವನ್ನೂ ಕಳೆದುಕೊಂಡು, ಕೊನೆಗೆ ಒಬ್ಬ ಅಂಬಿಗನ ಜೊತೆ ಹೊಳೆಯ ದಡದಲ್ಲಿ ನೆಲೆ ನಿಲ್ಲುತ್ತಾನೆ. ಹೊಳೆಯೇ ಅವನಿಗೆ ಗುರು. ಅರವತ್ತರ ದಶಕದ ಅಮೆರಿಕದಲ್ಲಿ ಉದ್ದ ಕೂದಲು ಬಿಟ್ಟ ಹುಡುಗರ ಜೋಳಿಗೆಯಲ್ಲೆಲ್ಲ ಈ ಪುಸ್ತಕ ಇರುತ್ತಿತ್ತು. (1972ರಲ್ಲಿ ಇದು ಸಿನಿಮಾನೂ ಆಯಿತು. ಸಿದ್ಧಾರ್ಥನ ಪಾತ್ರ ನಮ್ಮ ಶಶಿ ಕಪೂರ್‌ದು!) ಹೀಗೆ ಭಾರತದ ಹೊಳೆ ಜರ್ಮನಿ ಸುತ್ತಿ, ಅಮೆರಿಕದ ಮದ್ರಾಸಿಗೆ ಬಂದು, ಒಂದು ಕೂಸಿನ ಹೆಸರಾಯಿತು.

ಆದರೆ ಮಜಾ ಇರೋದು ಮನೆತನದ ಹೆಸರಿನಲ್ಲಿ. ಅಪ್ಪನ ಹೆಸರು ಜಾನ್ ಬಾಟಮ್. ಬಾಟಮ್ ಅಂದರೆ ಇಂಗ್ಲಿಷಿನಲ್ಲಿ ತಳ. ಆಡುಮಾತಿನಲ್ಲಿ ಇನ್ನೊಂದು ಅರ್ಥವೂ ಇದೆ, ಅದು ನಿಮಗೇ ಗೊತ್ತು, ಬಿಡಿ. ಅಂದರೆ ಹುಡುಗನ ಪೂರ್ತಿ ಹೆಸರು ರಿವರ್ ಬಾಟಮ್, ನದಿಯ ತಳ! ಈ ಹೆಸರನ್ನು ಪೋಸ್ಟರಿನ ಮೇಲೆ ಹಾಕಿದರೆ ಯಾವ ವಿತರಕ ಚಿತ್ರ ಕೊಳ್ಳುತ್ತಾನೆ?

ನೀರಲ್ಲ, ದಡ!

ಇನ್ನು ಅರ್ಥಕ್ಕೆ ಬರೋಣ. ರಿವರ್ ಎಂಬ ಪದ ಇಂಗ್ಲಿಷರ ಸ್ವಂತ ಆಸ್ತಿಯಲ್ಲ, ಫ್ರೆಂಚರಿಂದ ಬಂದದ್ದು. ಅದರ ಬೇರು ಹುಡುಕುತ್ತಾ ಹೋದರೆ ಲ್ಯಾಟಿನ್ ಭಾಷೆಯ 'ರೀಪ' ಎಂಬ ಮಾತು ಸಿಗುತ್ತದೆ. ರೀಪ ಅಂದರೆ ದಡ. ನೀರಲ್ಲ, ದಡ! ದಡ ಎಂಬ ಮಾತೇ ಹರಿದು ಹರಿದು ಕೊನೆಗೆ ಹೊಳೆಯ ಹೆಸರಾಗಿದೆ. ನಾವು ದಿನಾ ಆಡುವ 'ಅರೈವ್' ಕೂಡ ಇದೇ ಬೇರಿನದು: ದಡಕ್ಕೆ ಬಂದು ಸೇರುವುದು. ಬಸ್ ಸ್ಟ್ಯಾಂಡಿನಲ್ಲಿ ನಿಂತು ಬಸ್ಸು 'ಅರೈವ್' ಆಯಿತೇ ಎಂದು ಕೇಳುವವರಿಗೆ ತಾವು ಹಡಗಿನ ಮಾತಾಡುತ್ತಿದ್ದೇವೆ ಅಂತ ಗೊತ್ತೇ ಇರೋದಿಲ್ಲ.

ನದಿಯ ಹೆಸರನ್ನು ಗಂಡು ಹುಡುಗನಿಗೆ ಇಡೋದೇ ಎಂದು ನಮಗೆ ಆಶ್ಚರ್ಯ ಆಗೋದು ಸಹಜ. ನಮ್ಮಲ್ಲಿ ನದಿಯೆಂದರೆ ತಾಯಿ. ಕಾವೇರಿ, ತುಂಗಾ, ಶರಾವತಿ, ಗೋದಾವರಿ, ಎಲ್ಲ ಹೆಣ್ಣು ಮಕ್ಕಳ ಹೆಸರು. ಗಂಡಿಗೆ ಇಡಬೇಕಾದರೆ ಬಾಲ ಸೇರಿಸಬೇಕು: ಕೊಡಗಿನಲ್ಲಿ ಕಾವೇರಪ್ಪ, ಬಯಲುಸೀಮೆಯಲ್ಲಿ ಗಂಗಪ್ಪ. ಇಂಗ್ಲಿಷರ ಲೆಕ್ಕವೇ ಬೇರೆ. ಲಂಡನ್ನಿನ ಥೇಮ್ಸ್ ನದಿಗೆ ಅವರು 'ಅಪ್ಪ ಥೇಮ್ಸ್' ಅಂತಾರೆ. ಅಮೆರಿಕದ ಮಿಸಿಸಿಪ್ಪಿಯಂತೂ 'ಮುದುಕಪ್ಪ'. ಅವರಿಗೆ ನದಿ ಗಡ್ಡ ಬಿಟ್ಟ ಗಂಡಸು. ಹಾಗಾಗಿ ಹುಡುಗನಿಗೆ ರಿವರ್ ಎಂದರೆ ಹೆಸರು ಹೊಸದು ಅನ್ನಿಸಿರಬಹುದು, ಹೆಣ್ಣು ಹೆಸರು ಅನ್ನಿಸಲಿಲ್ಲ.

ಪ್ರಕೃತಿಯ ಹೆಸರು ಹಾಲಿವುಡ್ಡಿಗೆ ಹೊಸದೇನೂ ಅಲ್ಲ. ರಾಕ್ ಹಡ್ಸನ್ ಇರಲಿಲ್ಲವೇ? ಆದರೆ ಅವನ ಹುಟ್ಟು ಹೆಸರು ರಾಯ್ ಷೆರರ್. ಏಜೆಂಟ್ ಒಬ್ಬ ಜಿಬ್ರಾಲ್ಟರಿನ ಬಂಡೆ ಮತ್ತು ಹಡ್ಸನ್ ನದಿ ಎರಡನ್ನೂ ಸೇರಿಸಿ ಹೊಲಿದ ಅಂಗಿ ಅದು. ನಮ್ಮ ಮುತ್ತುರಾಜ್ ಅವರನ್ನು ರಾಜ್‌ಕುಮಾರ್ ಮಾಡಿದ್ದು ಸಿನಿಮಾ ತಾನೆ? ರಿವರ್‌ನ ಹೆಸರು ಹಾಗಲ್ಲ. ಪೋಸ್ಟರಿಗಾಗಿ ಇಟ್ಟ ಹೆಸರಲ್ಲ, ತೊಟ್ಟಿಲಲ್ಲೇ ಇಟ್ಟದ್ದು.

ಬೀದಿಯಲ್ಲಿ ಗಿಟಾರ್

ಹೆಸರೇನೋ ಚೆಂದ, ಬಾಳು? ಕೇಳಿ. ಹುಡುಗ ಚಿಕ್ಕವನಿರುವಾಗಲೇ ಅಪ್ಪ ಅಮ್ಮ 'ಚಿಲ್ಡ್ರನ್ ಆಫ್ ಗಾಡ್' ಎಂಬ ಪಂಥ ಸೇರಿದರು. ಪಂಥದ ಕೆಲಸಕ್ಕೆಂದು ದಕ್ಷಿಣ ಅಮೆರಿಕದ ವೆನಿಜುವೆಲಾಕ್ಕೆ ಹೋದರು. ಅಲ್ಲಿ ಕಾಸಿಲ್ಲ. ಐದಾರು ವರ್ಷದ ರಿವರ್ ಗಿಟಾರ್ ಹಿಡಿದು, ತಂಗಿಯನ್ನು ಪಕ್ಕದಲ್ಲಿ ನಿಲ್ಲಿಸಿಕೊಂಡು ಕರಾಕಾಸ್ ಪಟ್ಟಣದ ಬೀದಿಗಳಲ್ಲಿ ಹಾಡಿ ಚಿಲ್ಲರೆ ತರುತ್ತಿದ್ದ. ಶಾಲೆಯ ಮುಖ ಸರಿಯಾಗಿ ನೋಡಲಿಲ್ಲ. ಆ ಪಂಥದ ಮೇಲೆ ಮುಂದೆ ಮಕ್ಕಳ ಮೇಲಿನ ದೌರ್ಜನ್ಯದ ಬಹಳ ಕೆಟ್ಟ ಆರೋಪಗಳು ಬಂದವು. ಅಪ್ಪ ಅಮ್ಮನಿಗೂ ಭ್ರಮೆ ಹರಿಯಿತು. ಸರಕು ಹಡಗು ಹತ್ತಿ ಫ್ಲಾರಿಡಾಕ್ಕೆ ವಾಪಸ್. ಹೊಸ ಬಾಳು ಅಂದುಕೊಂಡು ಮನೆತನದ ಹೆಸರನ್ನೇ ಕಿತ್ತುಹಾಕಿ, ಬೂದಿಯಿಂದ ಎದ್ದು ಬರುವ ಹಕ್ಕಿ ಫೀನಿಕ್ಸ್‌ನ ಹೆಸರಿಟ್ಟುಕೊಂಡರು. ಹೀಗೆ 'ನದಿಯ ತಳ' ಹೋಗಿ ನೀರೂ ಬೆಂಕಿಯೂ ಸೇರಿದ ಹೆಸರು ಬಂತು.

ಆ ಮನೆಯಲ್ಲಿ ಐದು ಮಕ್ಕಳು. ಹೆಸರು ಕೇಳಿ: ರಿವರ್, ಅಂದರೆ ನದಿ. ರೇನ್, ಮಳೆ. ಲಿಬರ್ಟಿ, ಸ್ವಾತಂತ್ರ್ಯ. ಸಮ್ಮರ್, ಬೇಸಿಗೆ. ನಡುವೆ ಒಬ್ಬನಿಗೆ ಮಾತ್ರ ವಾಕೀನ್ ಎಂಬ ಸ್ಪ್ಯಾನಿಷ್ ಹೆಸರು. ಪಾಪ, ಅವನಿಗೆ ಬೇಜಾರು! ಎಲ್ಲರಿಗೂ ಕಾಡು ಮೇಡಿನ ಹೆಸರು, ನನಗೊಬ್ಬನಿಗೆ ಯಾಕಿಲ್ಲ? ಅಂಗಳದಲ್ಲಿ ಅಪ್ಪನ ಜೊತೆ ತರಗೆಲೆ ಗುಡಿಸುತ್ತಿದ್ದಾಗ ತನಗೆ ತಾನೇ ಒಂದು ಹೆಸರಿಟ್ಟುಕೊಂಡ: ಲೀಫ್, ಎಲೆ. 1989ರ 'ಪೇರೆಂಟ್‌ಹುಡ್' ಚಿತ್ರದವರೆಗೂ ತೆರೆಯ ಮೇಲೆ ಅವನ ಹೆಸರು ಲೀಫ್ ಫೀನಿಕ್ಸ್ ಅಂತಲೇ ಬರುತ್ತಿತ್ತು. ಆ ಎಲೆ ಯಾರು ಅಂತ ಗೊತ್ತಾಯಿತಲ್ಲ? 'ಜೋಕರ್' ಚಿತ್ರದ ಜೋಕರ್!

ಪಾತ್ರಗಳಲ್ಲೂ ಹೆಸರಿನ ಗೋಳು

ರಿವರ್‌ನ ಚಿತ್ರಗಳನ್ನು ಒಂದರ ಹಿಂದೆ ಒಂದು ನೋಡಿದರೆ ಒಂದು ವಿಚಿತ್ರ ಕಣ್ಣಿಗೆ ಬೀಳುತ್ತದೆ. ಸಿಕ್ಕಿದ ಪಾತ್ರಗಳೆಲ್ಲ ಹೆಸರಿನ ಜೊತೆ ಗುದ್ದಾಡುವಂಥವೇ.

1986ರ 'ಸ್ಟ್ಯಾಂಡ್ ಬೈ ಮಿ' ನೋಡಿ. ನಾಲ್ಕು ಹುಡುಗರು ರೈಲು ಹಳಿ ಹಿಡಿದು ಒಂದು ಹೆಣ ಹುಡುಕಿಕೊಂಡು ಹೋಗುತ್ತಾರೆ, ಕಥೆ ಅಷ್ಟೇ. ರಿವರ್ ಅದರಲ್ಲಿ ಕ್ರಿಸ್ ಚೇಂಬರ್ಸ್. ಚೇಂಬರ್ಸ್ ಮನೆತನ ಅಂದರೆ ಊರಿಗೆಲ್ಲ ಕೆಟ್ಟ ಹೆಸರು. ಹಾಗಾಗಿ ಹುಡುಗ ಏನು ಮಾಡಿದರೂ ಕಳ್ಳನೇ. ರಾತ್ರಿ ಬೆಂಕಿಯ ಪಕ್ಕ ಕುಳಿತು ಕ್ರಿಸ್ ಗೆಳೆಯನ ಹತ್ತಿರ ನಿಜ ಹೇಳುತ್ತಾನೆ: ಶಾಲೆಯ ಹಾಲಿನ ದುಡ್ಡು ಕದ್ದದ್ದು ನಿಜ, ಆದರೆ ವಾಪಸು ಕೊಟ್ಟೆ. ತೆಗೆದುಕೊಂಡ ಟೀಚರಮ್ಮ ಬಾಯಿ ಬಿಡಲಿಲ್ಲ, ಮರುವಾರ ಹೊಸ ಲಂಗ ತೊಟ್ಟು ಬಂದಳು! ಆ ದೃಶ್ಯ ಮೊದಲಿಗೆ ಸರಿ ಬರಲಿಲ್ಲವಂತೆ. ನಿರ್ದೇಶಕ ರಾಬ್ ರೈನರ್ ಹುಡುಗನನ್ನು ಪಕ್ಕಕ್ಕೆ ಕರೆದು, ನೀನು ನಂಬಿದ್ದ ದೊಡ್ಡವರು ಯಾರಾದರೂ ನಿನಗೆ ಕೈ ಕೊಟ್ಟಿದ್ದನ್ನು ನೆನಪಿಸಿಕೋ, ಅದು ಯಾರು ಅಂತ ನನಗೆ ಹೇಳಬೇಕಾಗಿಲ್ಲ ಎಂದರಂತೆ. ಮುಂದಿನ ಟೇಕೇ ಇವತ್ತಿಗೂ ಚಿತ್ರದಲ್ಲಿರೋದು. ಆ ಅಳು ನೋಡಿ ಕಣ್ಣು ಒದ್ದೆಯಾಗದ ಗಂಡುಮಗ ಇದ್ದರೆ ಅವನ ಜೊತೆ ಸಿನಿಮಾಕ್ಕೆ ಹೋಗಬೇಡಿ!

1988ರ 'ರನ್ನಿಂಗ್ ಆನ್ ಎಂಪ್ಟಿ'ಯಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ. ಅಪ್ಪ ಅಮ್ಮ ಯುದ್ಧವನ್ನು ವಿರೋಧಿಸಿ ಬಾಂಬಿಟ್ಟು ಪೊಲೀಸರಿಂದ ತಲೆಮರೆಸಿಕೊಂಡವರು. ಊರು ಬದಲಾದಾಗಲೆಲ್ಲ ಮಗನ ಹೆಸರೂ ಬದಲು, ಕೂದಲಿನ ಬಣ್ಣವೂ ಬದಲು. ಪಿಯಾನೋ ಚೆನ್ನಾಗಿ ನುಡಿಸುವ ಹುಡುಗ, ಆದರೆ ಯಾವ ಹೆಸರಿನಲ್ಲಿ ಕಾಲೇಜಿಗೆ ಅರ್ಜಿ ಹಾಕೋದು? ಅಲೆಮಾರಿ ಅಪ್ಪ ಅಮ್ಮನ ಮಗ ಇದನ್ನು ನಟಿಸಬೇಕಾಗಿರಲಿಲ್ಲ. ಪೋಷಕ ನಟನ ಆಸ್ಕರ್‌ಗೆ ಹೆಸರು ಹೋಯಿತು. ಪ್ರಶಸ್ತಿ ಕೆವಿನ್ ಕ್ಲೈನ್ ಪಾಲಾಯಿತು.

ಮರುವರ್ಷ 'ಇಂಡಿಯಾನಾ ಜೋನ್ಸ್ ಅಂಡ್ ದಿ ಲಾಸ್ಟ್ ಕ್ರುಸೇಡ್'. ಹ್ಯಾರಿಸನ್ ಫೋರ್ಡ್ ಹುಡುಗನಾಗಿದ್ದಾಗಿನ ಭಾಗ ರಿವರ್‌ನದು. ರೈಲಿನ ಮೇಲೆ ಆ ಓಟ, ಆ ಹಾವು, ಆ ಹ್ಯಾಟು! ಇಲ್ಲೂ ಹೆಸರಿನ ತಮಾಷೆ ಇದೆ. ಕೊನೆಗೆ ಅಪ್ಪ ಷಾನ್ ಕಾನರಿ ಬಯಲು ಮಾಡುತ್ತಾನೆ: ಇಂಡಿಯಾನಾ ಎಂಬುದು ಮಗನ ಹೆಸರೇ ಅಲ್ಲ, ಮನೆಯ ನಾಯಿಯದು!

1991ರ 'ಮೈ ಓನ್ ಪ್ರೈವೇಟ್ ಐಡಹೋ'ದಲ್ಲಿ ಪಾತ್ರದ ಹೆಸರೇ ಮೈಕ್ ವಾಟರ್ಸ್, ನೀರು. ಬೀದಿಯಲ್ಲಿ ಮೈ ಮಾರಿಕೊಂಡು ಬದುಕುವ, ನಡೆಯುತ್ತಲೇ ನಿದ್ದೆಗೆ ಜಾರಿ ಬೀಳುವ, ತಾಯಿಯನ್ನು ಹುಡುಕುವ ಹುಡುಗ. ಆಗಿನ ಕಾಲಕ್ಕೆ ಹೀರೋಗಳು ಮುಟ್ಟಲು ಹೆದರುವ ಪಾತ್ರ ಅದು. ಜೊತೆಗಿದ್ದವನು ಕಿಯಾನು ರೀವ್ಸ್. ಕಿಯಾನು ಎಂದರೆ ಹವಾಯಿ ಭಾಷೆಯಲ್ಲಿ ಬೆಟ್ಟದ ಮೇಲಿನ ತಂಗಾಳಿ ಅಂತ ಹೇಳುತ್ತಾರೆ. ನದಿಯೂ ತಂಗಾಳಿಯೂ ಒಂದೇ ಮೋಟಾರ್‌ಸೈಕಲ್ ಮೇಲೆ! ವೆನಿಸ್ ಚಿತ್ರೋತ್ಸವದಲ್ಲಿ ರಿವರ್‌ಗೆ ಶ್ರೇಷ್ಠ ನಟ ಪ್ರಶಸ್ತಿ ಬಂತು. ನನ್ನ ಕೇಳಿದರೆ ಅವನ ಎಲ್ಲ ಚಿತ್ರಗಳಲ್ಲಿ ಇದೇ ಮೇಲು. ಇಂಡಿಯಾನಾ ಜೋನ್ಸ್ ಅಭಿಮಾನಿಗಳು ಜಗಳಕ್ಕೆ ಬರಬಹುದು, ಬರಲಿ.

ಹೆಸರಿನ ಗುಣ ಹುಡುಗನಿಗೆ ಬಂತೇ?

ಹೆಸರು ನೋಡಿ ಗುಣ ಹೇಳುವವರು ಎಲ್ಲ ದೇಶದಲ್ಲೂ ಇದ್ದಾರೆ. ಇಂಗ್ಲಿಷಿನಲ್ಲಿ ಮಕ್ಕಳ ಹೆಸರಿನ ಪುಸ್ತಕಗಳೇ ರಾಶಿ ರಾಶಿ. ರಿವರ್ ಎಂದರೆ ಶಾಂತ, ನಿರ್ಮಲ, ಸ್ವತಂತ್ರ, ಯಾರ ಕೈಗೂ ಸಿಗದವನು... ಹೀಗೆ ಬರೆಯುತ್ತಾರೆ. ಸರಿಯಪ್ಪಾ, ಹೊಳೆಯಲ್ಲಿ ಸುಳಿಯೂ ಇರುತ್ತದೆ ಅಂತ ಆ ಪುಸ್ತಕದವರು ಯಾಕೆ ಬರೆಯೋದಿಲ್ಲ?

ಅಮೆರಿಕದ ಪತ್ರಿಕೆಗಳು ಮಾಡಿದ್ದೂ ಅದನ್ನೇ. ಹುಡುಗ ಮಾಂಸ ಮುಟ್ಟುವುದಿಲ್ಲ, ಹಾಲು ಮೊಟ್ಟೆಯೂ ಇಲ್ಲ, ಚರ್ಮದ ಬೆಲ್ಟು ಕಟ್ಟುವುದಿಲ್ಲ, ಕಾಡು ಉಳಿಸಿ ಅಂತಾನೆ. ಇದೆಲ್ಲ ನಿಜವೇ. ಹೆಸರಿಗೆ ತಕ್ಕ ಹುಡುಗ ಅಂತ ಹಾಡಿ ಹೊಗಳಿದರು. ಚೊಕ್ಕ ಹುಡುಗ, ಕಲ್ಮಶವಿಲ್ಲದ ನೀರು! ಆದರೆ ಇಡೀ ಮನೆಯ ಖರ್ಚು ಚಿಕ್ಕಂದಿನಿಂದ ಅವನ ಹೆಗಲ ಮೇಲೆ ಇತ್ತು ಅನ್ನೋದನ್ನು ಎಷ್ಟು ಜನ ಯೋಚಿಸಿದರು? ಬೀದಿಯಲ್ಲಿ ಹಾಡುತ್ತಿದ್ದಾಗಲೂ ಮನೆಗಾಗಿ, ಕ್ಯಾಮೆರಾ ಮುಂದೆ ನಿಂತಾಗಲೂ ಮನೆಗಾಗಿ. ಚೊಕ್ಕ ಹೆಸರು ಹೊತ್ತವನು ತನ್ನ ಕೊಳೆಯನ್ನು ಎಲ್ಲಿ ತೊಳೆದುಕೊಳ್ಳಬೇಕು? ಮಾದಕ ವಸ್ತು ಒಳಗೆ ಬಂದದ್ದು ಹೊರಗಿನವರಿಗೆ ಕಾಣಲಿಲ್ಲ. ಕಂಡವರು ಸುಮ್ಮನಿದ್ದರು.

1993ರ ಅಕ್ಟೋಬರ್ 31, ಬೆಳಗಿನ ಜಾವ. ಹಾಲಿವುಡ್ ಪಕ್ಕದ ಸನ್‌ಸೆಟ್ ರಸ್ತೆ. ಜಾನಿ ಡೆಪ್ ಪಾಲುದಾರನಾಗಿದ್ದ 'ವೈಪರ್ ರೂಮ್' ಎಂಬ ನೈಟ್‌ಕ್ಲಬ್ಬು. ಅದರ ಮುಂದಿನ ಫುಟ್‌ಪಾತಿನ ಮೇಲೆ ರಿವರ್ ಕುಸಿದು ಬಿದ್ದ. ಆಂಬ್ಯುಲೆನ್ಸಿಗೆ ಫೋನು ಮಾಡಿದ್ದು ತಮ್ಮ ವಾಕೀನ್. ಅವನಿಗೆ ಹತ್ತೊಂಬತ್ತು ತುಂಬಿ ಮೂರು ದಿನ. ಅಣ್ಣ ಉಳಿಯಲಿಲ್ಲ. ಹೆರಾಯಿನ್, ಕೊಕೇನ್ ಎರಡೂ ಮೈಯಲ್ಲಿದ್ದವು. ವಯಸ್ಸು 23.

ತಮ್ಮ ಅಳುತ್ತಾ ಮಾಡಿದ ಆ ಫೋನಿನ ಟೇಪನ್ನು ರೇಡಿಯೋ, ಟಿ.ವಿ.ಯವರು ಮತ್ತೆ ಮತ್ತೆ ಹಾಕಿದರು. ಛೀ! ನಾವು ಸಿನಿಮಾ ಪತ್ರಿಕೆಯವರೂ ಗಾಸಿಪ್ ಬರೆಯುತ್ತೇವೆ, ಇಲ್ಲ ಅನ್ನೋದಿಲ್ಲ. ಆದರೆ ಸಾಯುತ್ತಿರುವ ಅಣ್ಣನಿಗಾಗಿ ತಮ್ಮ ಅಂಗಲಾಚುವುದನ್ನು ಹಾಡಿನಂತೆ ಹಾಕುವುದೇ?

ಹುಡುಗ ನಡುವೆ ಬಿಟ್ಟು ಹೋದ 'ಡಾರ್ಕ್ ಬ್ಲಡ್' ಚಿತ್ರ ಹತ್ತೊಂಬತ್ತು ವರ್ಷ ಡಬ್ಬದಲ್ಲೇ ಇತ್ತು. ಚಿತ್ರೀಕರಣವಾಗದ ದೃಶ್ಯಗಳ ಜಾಗದಲ್ಲಿ ನಿರ್ದೇಶಕ ಜಾರ್ಜ್ ಸ್ಲೈಜರ್ ತಮ್ಮ ದನಿಯಲ್ಲೇ ಕಥೆ ಹೇಳಿ, 2012ರಲ್ಲಿ ಅದನ್ನು ತೋರಿಸಿದರು.

ಎಲೆ ಮತ್ತೆ ಚಿಗುರಿತು

ಇನ್ನು ತಮ್ಮನ ವಿಷಯ. ನಟನೆಯೇ ಬೇಡ ಅಂತ ಒಮ್ಮೆ ಲೀಫ್ ಮನೆಯಲ್ಲಿ ಕುಳಿತುಬಿಟ್ಟಿದ್ದ. ಅಣ್ಣ ಇನ್ನೂ ಬದುಕಿದ್ದಾಗಿನ ಮಾತು. ಹದಿನೈದೋ ಹದಿನಾರೋ ವಯಸ್ಸು. ಒಂದು ದಿನ ರಿವರ್ ಷೂಟಿಂಗ್ ಮುಗಿಸಿ 'ರೇಜಿಂಗ್ ಬುಲ್' ಚಿತ್ರದ ವಿಡಿಯೋ ಕ್ಯಾಸೆಟ್ ಹಿಡಿದು ಬಂದ. ಕೂಡಿಸಿ ತೋರಿಸಿದ. ಮಾರನೇ ದಿನ ಎಬ್ಬಿಸಿ ಇನ್ನೊಮ್ಮೆ ತೋರಿಸಿದ. ಆಮೇಲೆ, ನೀನು ಮತ್ತೆ ನಟನೆಗೆ ಇಳಿಯುತ್ತೀಯ ಎಂದ. ಕೇಳಲಿಲ್ಲ, ಹೇಳಿದ. ಈ ಕಥೆಯನ್ನು ವಾಕೀನ್ 2019ರಲ್ಲಿ ಟೊರಾಂಟೋ ಚಿತ್ರೋತ್ಸವದ ವೇದಿಕೆಯ ಮೇಲೆ ತಾನೇ ಹೇಳಿಕೊಂಡ. 1995ರ 'ಟು ಡೈ ಫಾರ್' ಚಿತ್ರದಲ್ಲಿ ಲೀಫ್ ಹೋಗಿ ವಾಕೀನ್ ಬಂದ. ನಿರ್ದೇಶಕ ಯಾರು ಗೊತ್ತೇ? ಅಣ್ಣನಿಗೆ 'ಐಡಹೋ' ಮಾಡಿದ ಗಸ್ ವಾನ್ ಸಾಂಟ್. 2020ರ ಫೆಬ್ರವರಿಯಲ್ಲಿ 'ಜೋಕರ್'ಗಾಗಿ ಆಸ್ಕರ್ ಕೈಗೆ ಬಂದಾಗ ವಾಕೀನ್ ಭಾಷಣ ಮುಗಿಸಿದ್ದು ಅಣ್ಣ ಹದಿನೇಳನೇ ವಯಸ್ಸಿನಲ್ಲಿ ಬರೆದ ಹಾಡಿನ ಸಾಲಿನಿಂದ. ಅದೇ ವರ್ಷ ಹುಟ್ಟಿದ ಮಗನಿಗೆ ಇಟ್ಟ ಹೆಸರೂ ರಿವರ್.

ಅಷ್ಟರಲ್ಲಿ ಆ ಹೆಸರು ಊರೆಲ್ಲ ಹರಿದಾಗಿತ್ತು. 1970ರಲ್ಲಿ ಹುಚ್ಚರ ಹೆಸರು ಅನ್ನಿಸಿಕೊಂಡದ್ದು ತೊಂಬತ್ತರ ದಶಕದ ನಡುವಿನಿಂದ ಅಮೆರಿಕದ ಮಕ್ಕಳ ಹೆಸರುಗಳ ಸರ್ಕಾರಿ ಪಟ್ಟಿಯಲ್ಲಿ ಮೇಲೆ ಏರುತ್ತಾ ಬಂತು. ಈಗ ಹೆಣ್ಣು ಮಕ್ಕಳಿಗೂ ಇಡುತ್ತಾರೆ. ಕೊನೆಗೂ ನಮ್ಮ ದಾರಿಗೆ ಬಂದರು ಅನ್ನಿ!

'ಸ್ಟ್ಯಾಂಡ್ ಬೈ ಮಿ' ಸಿಕ್ಕಿದರೆ ಬಿಡಬೇಡಿ. ಆರೆಗಾನ್‌ನಲ್ಲೇ, ಅವನು ಹುಟ್ಟಿದ ರಾಜ್ಯದಲ್ಲೇ ತೆಗೆದ ಚಿತ್ರ. ಕೊನೆಯಲ್ಲಿ ಕ್ರಿಸ್ ಗೆಳೆಯನನ್ನು ಬೀಳ್ಕೊಟ್ಟು ಮನೆಯ ಕಡೆ ನಡೆಯುತ್ತಾನೆ. ಮುಂದೆ ಅವನು ಲಾಯರ್ ಆದ, ಯಾರದೋ ಜಗಳ ಬಿಡಿಸಲು ಹೋಗಿ ಚೂರಿ ತಿಂದು ಸತ್ತ ಎಂದು ದನಿ ಹೇಳುತ್ತಿರುವಾಗಲೇ, ನಡೆಯುತ್ತಿರುವ ಹುಡುಗ ತೆರೆಯ ಮೇಲಿಂದ ಮೆಲ್ಲಗೆ ಮಾಯವಾಗುತ್ತಾನೆ. ರಸ್ತೆ ಮಾತ್ರ ಹಾಗೇ ಇರುತ್ತದೆ.