ರಾಯ್‌ಸ್ಟನ್ ವೇಸಿ ಎಂಬ ಊರು

‘ದಿ ಲೀಗ್ ಆಫ್ ಜೆಂಟಲ್‌ಮೆನ್’ 1999ರ ಜನವರಿಯಲ್ಲಿ ಬ್ರಿಟನ್ನಿನ ಬಿಬಿಸಿ ಟೂ ವಾಹಿನಿಯಲ್ಲಿ ಆರಂಭವಾದ ಕರಾಳ ಹಾಸ್ಯದ ಧಾರಾವಾಹಿ. ಉತ್ತರ ಇಂಗ್ಲೆಂಡಿನಲ್ಲಿರುವುದಾಗಿ ಕಲ್ಪಿಸಿದ ರಾಯ್‌ಸ್ಟನ್ ವೇಸಿ ಎಂಬ ಊರು, ಅಲ್ಲಿನ ಅಂಗಡಿಯವರು, ಕಟುಕ, ಪಶುವೈದ್ಯ, ಸರ್ಕಾರಿ ನೌಕರರು ಇದರ ವಸ್ತು. ಜೆರೆಮಿ ಡೈಸನ್, ಮಾರ್ಕ್ ಗೇಟಿಸ್, ಸ್ಟೀವ್ ಪೆಂಬರ್ಟನ್, ರೀಸ್ ಶಿಯರ್‌ಸ್ಮಿತ್ ಕೂಡಿ ಬರೆದರು. ಡೈಸನ್ ಹೊರತು ಉಳಿದ ಮೂವರು ಗಂಡು ಹೆಣ್ಣೆನ್ನದೆ ಹೆಚ್ಚಿನ ಪಾತ್ರಗಳನ್ನೆಲ್ಲ ತಾವೇ ಮಾಡಿದರು.

ತಂಡ ಪಳಗಿದ್ದು ರಂಗದ ಮೇಲೆ. 1997ರಲ್ಲಿ ಎಡಿನ್‌ಬರೋ ಉತ್ಸವದ ಪೆರಿಯರ್ ಪ್ರಶಸ್ತಿ ಬಂತು. ಅದೇ ವರ್ಷ ರೇಡಿಯೋ ಸರಣಿಯೂ ಆಯಿತು. ಟಿ.ವಿ. ಚಿತ್ರೀಕರಣ ನಡೆದದ್ದು ಡರ್ಬಿಶೈರಿನ ಹ್ಯಾಡ್‌ಫೀಲ್ಡ್‌ನಲ್ಲಿ. ಊರಿಗಿಟ್ಟದ್ದು ರಾಯ್ ಚಬ್ಬಿ ಬ್ರೌನ್ ಎಂಬ ಹಾಸ್ಯಗಾರನ ನಿಜನಾಮ. ಮೇಯರ್ ಪಾತ್ರಕ್ಕೆ ಅವನನ್ನೇ ಕರೆತಂದರು.

ಇಲ್ಲಿನ ಯಾರೂ ತಮ್ಮನ್ನು ಕೆಟ್ಟವರೆಂದುಕೊಂಡಿಲ್ಲ. ಧಾರಾವಾಹಿಯ ಬಲವೆಲ್ಲ ಇರುವುದು ಇದರಲ್ಲೇ. ಎಡ್ವರ್ಡ್ ಮತ್ತು ಟಬ್ಸ್ ದಂಪತಿಗೆ ತಮ್ಮ ಅಂಗಡಿ ಊರಿನವರಿಗೆ ಮಾತ್ರ ಸೇರಿದ್ದು. ಅಪರಿಚಿತನೊಬ್ಬ ಒಳಗೆ ಕಾಲಿಟ್ಟರೆ ಅವನು ಜೀವಂತ ಹೊರಬರುವುದು ಅನುಮಾನ. ಡೆಂಟನ್ ದಂಪತಿಯ ಮನೆಗೆ ಬಂದ ಸೋದರಳಿಯ ಬೆಂಜಮಿನ್‌ಗೆ ಮಡಿಯ ನಿಯಮಗಳೇ ಸೆರೆಮನೆಯಾಗುತ್ತವೆ. ಪ್ರಾಣಿಗಳನ್ನು ಉಳಿಸಲೆಂದೇ ಬರುವ ಪಶುವೈದ್ಯ ಚಿನ್ನರಿಯ ಕೈಯಲ್ಲಿ ಅವು ಸಾಯುತ್ತವೆ. ಊರಿನ ಅಭಿಮಾನ, ಶುಚಿತ್ವ, ಉಪಕಾರಬುದ್ಧಿ ಎಲ್ಲವೂ ಸದ್ಗುಣಗಳೇ. ಅಳತೆ ಮೀರಿದಾಗ ಭೀಕರವಾಗುತ್ತವೆ.

ಪಾಲೀನ್ ಪಾತ್ರ ಇವೆಲ್ಲಕ್ಕಿಂತ ಆಳವಾದದ್ದು. ನಿರುದ್ಯೋಗಿಗಳಿಗೆ ಕೆಲಸ ಹುಡುಕುವುದನ್ನು ಕಲಿಸುವ ಈ ನೌಕರಳಿಗೆ ತನ್ನ ಪೆನ್ನುಗಳ ಮೇಲೆ ಪ್ರಾಣ, ಶಿಷ್ಯರ ಮೇಲೆ ತಾತ್ಸಾರ. ಅವರನ್ನು ಹೀಯಾಳಿಸಿಯೇ ತನ್ನ ಅಧಿಕಾರವನ್ನು ಉಳಿಸಿಕೊಳ್ಳುತ್ತಾಳೆ. ಕೊನೆಗೆ ಅವಳ ನೌಕರಿಯೂ ಹೋದಾಗ, ಅವಳನ್ನು ದ್ವೇಷಿಸುತ್ತಿದ್ದ ನೋಡುಗನಿಗೆ ಕನಿಕರ ಹುಟ್ಟುತ್ತದೆ. ಕೆಲಸವೊಂದೇ ಗುರುತಾದ ಮನುಷ್ಯರ ಸಂಕಟವನ್ನು ಇಷ್ಟು ನಿಷ್ಠುರವಾಗಿ ತೋರಿಸಿದ ಹಾಸ್ಯ ವಿರಳ.

2002ರ ಮೂರನೆಯ ಸರಣಿಯಲ್ಲಿ ಹಿನ್ನೆಲೆಯ ನಗುವನ್ನು ಕೈಬಿಟ್ಟರು. ಪ್ರತಿ ಕಂತು ಬೇರೆ ಬೇರೆ ಪಾತ್ರಗಳ ಬೆನ್ನು ಹಿಡಿದು ಹೋಗಿ, ಒಂದೇ ಅಪಘಾತಕ್ಕೆ ಬಂದು ಕೂಡುತ್ತದೆ. ಎಲ್ಲಿ ನಗಬೇಕೆಂಬ ಸೂಚನೆ ಇಲ್ಲದ ಕಾರಣ ಕಥೆಯೊಳಗಿನ ದುಃಖ ಹೆಚ್ಚು ಸ್ಪಷ್ಟವಾಯಿತು. 2005ರಲ್ಲಿ ಚಲನಚಿತ್ರ, 2017ರಲ್ಲಿ ಮೂರು ವಿಶೇಷ ಕಂತುಗಳು ಬಂದವು.

ಮುಖಕ್ಕೆ ಕಪ್ಪು ಬಳಿದುಕೊಂಡ ಸರ್ಕಸ್ಸಿನ ಯಜಮಾನ ಪಾಪಾ ಲಜಾರೂ ಪಾತ್ರ ಜನಾಂಗೀಯ ಅಣಕವೆಂಬ ಆಕ್ಷೇಪಕ್ಕೆ ಗುರಿಯಾಯಿತು. 2020ರಲ್ಲಿ ನೆಟ್‌ಫ್ಲಿಕ್ಸ್ ಧಾರಾವಾಹಿಯನ್ನು ತೆಗೆದುಹಾಕಿತು. ಆಕ್ಷೇಪದಲ್ಲಿ ಹುರುಳಿದೆ. ಪೆಂಬರ್ಟನ್, ಶಿಯರ್‌ಸ್ಮಿತ್ ಜೋಡಿ ಮುಂದೆ ‘ಇನ್‌ಸೈಡ್ ನಂ. 9’ ರಚಿಸಿ, 2014ರಿಂದ 2024ರವರೆಗೆ ಈ ಧಾರಾವಾಹಿಯ ಬಗೆಯ ಕರಾಳ ಹಾಸ್ಯವನ್ನು ಬಿಡಿ ಕಥೆಗಳಲ್ಲಿ ಮುಂದುವರಿಸಿತು.