ಸತ್ತ ಜೀವಿಗಳ ಸಾಕ್ಷ್ಯ: ಲಂಡನ್ನಿನ ಪ್ರಕೃತಿಚರಿತ್ರೆಯ ಸಂಗ್ರಹಾಲಯದಲ್ಲಿ ಒಂದು ಸುತ್ತು

ವಸ್ತುಸಂಗ್ರಹಾಲಯ ಎಂದೊಡನೆ ನಮ್ಮಲ್ಲಿ ಅನೇಕರ ಕಣ್ಣೆದುರಿಗೆ ಬಂದು ನಿಲ್ಲುವುದು ಗಾಜಿನ ಪೆಟ್ಟಿಗೆಗಳ ಸಾಲು. ಅವುಗಳೊಳಗೆ ತೊಗಲಿಗೆ ಹೊಟ್ಟು ತುಂಬಿ ನಿಲ್ಲಿಸಿದ ಹುಲಿ, ಬಣ್ಣ ಮಾಸಿದ ಹಕ್ಕಿ, ಸೀಸೆಯಲ್ಲಿ ಸುರುಳಿ ಸುತ್ತಿಕೊಂಡ ಹಾವು. ಅರ್ಧ ಗಂಟೆ ಸುತ್ತಾಡಿ, ಬೆರಗುಪಟ್ಟು ಹೊರಗೆ ಬರುತ್ತೇವೆ. ಆಗ ಯಾರಿಗಾದರೂ ಒಂದು ಪ್ರಶ್ನೆ ಹುಟ್ಟಿದರೆ ಅದು ಸಹಜವೇ ಸರಿ. ಸತ್ತುಹೋದ ಪ್ರಾಣಿಗಳನ್ನು ಇಷ್ಟೊಂದು ಹಣ, ಇಷ್ಟೊಂದು ಶ್ರಮ ವೆಚ್ಚಮಾಡಿ ಕಾಪಾಡುವುದೇಕೆ? ಒಂದು ಜಾತಿಗೆ ಒಂದು ಮಾದರಿ ಇದ್ದರೆ ಸಾಲದೆ? ಅಥವಾ ಒಳ್ಳೆಯ ಚಿತ್ರವೊಂದಿದ್ದರೆ ಸಾಲದೆ?

ಈ ಪ್ರಶ್ನೆಗೆ ಉತ್ತರವನ್ನು ಹುಡುಕಲು ಲಂಡನ್ ನಗರದ ದಕ್ಷಿಣ ಕೆನ್ಸಿಂಗ್ಟನ್ನಿನಲ್ಲಿರುವ ಪ್ರಕೃತಿಚರಿತ್ರೆಯ ಸಂಗ್ರಹಾಲಯವನ್ನು ಒಮ್ಮೆ ಸುತ್ತಿಬರೋಣ. ಸರ್ ಹ್ಯಾನ್ಸ್ ಸ್ಲೋನ್ ಎಂಬ ವೈದ್ಯನು 1753ರಲ್ಲಿ ತೀರಿಕೊಂಡಾಗ ಬಿಟ್ಟುಹೋದ ಸಂಗ್ರಹವೇ ಇದರ ಬೀಜ. ಮೊದಲು ಬ್ರಿಟಿಷ್ ಮ್ಯೂಸಿಯಮ್ಮಿನ ಒಂದು ಅಂಗವಾಗಿದ್ದ ಈ ಭಾಗಕ್ಕೆ ಪ್ರತ್ಯೇಕ ಮಂದಿರವೊಂದು ಬೇಕೆಂದು ಪಟ್ಟುಹಿಡಿದು ಸಾಧಿಸಿದವನು ರಿಚರ್ಡ್ ಓವೆನ್ ಎಂಬ ಅಂಗರಚನಾ ಶಾಸ್ತ್ರಜ್ಞ. ಆಲ್‌ಫ್ರೆಡ್ ವಾಟರ್‌ಹೌಸ್ ಎಂಬ ಶಿಲ್ಪಿ ರಚಿಸಿದ ಈ ಭವ್ಯ ಕಟ್ಟಡದ ಬಾಗಿಲು ತೆರೆದುದು 1881ರ ಏಪ್ರಿಲ್ 18ರಂದು. ಗೋಡೆಗಳಿಗೆಲ್ಲ ಸುಟ್ಟ ಮಣ್ಣಿನ ಹೊದಿಕೆ; ಅದರ ಮೇಲೆ ಪ್ರಾಣಿಗಳ ಉಬ್ಬುಚಿತ್ರಗಳು. ಪಶ್ಚಿಮದ ಕಡೆಯವು ಜೀವಂತವಾಗಿರುವ ಜಾತಿಗಳು; ಪೂರ್ವದ ಕಡೆಯವು ಅಳಿದುಹೋದವು. ಒಳಗೆ ಕಾಲಿಡುವ ಮೊದಲೇ ಗೋಡೆಯೇ ಪಾಠ ಹೇಳಲು ತೊಡಗುತ್ತದೆ.

ಮುಖ್ಯ ಸಭಾಂಗಣವನ್ನು ಹೊಕ್ಕೊಡನೆ ತಲೆಯ ಮೇಲೆ, ಸಮುದ್ರದೊಳಕ್ಕೆ ಧುಮುಕುತ್ತಿರುವ ಭಂಗಿಯಲ್ಲಿ, ನೀಲಿ ತಿಮಿಂಗಿಲವೊಂದರ ಅಸ್ಥಿಪಂಜರ ತೂಗಾಡುತ್ತಿರುವುದು ಕಾಣುತ್ತದೆ. ಅದರ ಉದ್ದ 25.2 ಮೀಟರ್, ಎಂದರೆ ಸುಮಾರು 83 ಅಡಿ. ಮೂಳೆಗಳ ಸಂಖ್ಯೆ 221. ತೂಕ ನಾಲ್ಕೂವರೆ ಟನ್. 1891ರಲ್ಲಿ ಐರ್ಲೆಂಡಿನ ವೆಕ್ಸ್‌ಫರ್ಡ್ ತೀರದಲ್ಲಿ ಮರಳದಿಣ್ಣೆಗೆ ಸಿಕ್ಕಿಬಿದ್ದು ಸತ್ತ ಹೆಣ್ಣು ತಿಮಿಂಗಿಲ ಇದು. ಬಹುಕಾಲ ಬೇರೊಂದು ಅಂಗಣದಲ್ಲಿದ್ದ ಇದನ್ನು ಇಲ್ಲಿಗೆ ತಂದು ತೂಗುಹಾಕಿ, 'ಹೋಪ್', ಎಂದರೆ 'ಭರವಸೆ', ಎಂದು ಹೆಸರಿಟ್ಟುದು 2017ರಲ್ಲಿ. ಇಪ್ಪತ್ತನೆಯ ಶತಮಾನದಲ್ಲಿ ಮನುಷ್ಯರು ಮೂರು ಲಕ್ಷಕ್ಕೂ ಹೆಚ್ಚು ನೀಲಿ ತಿಮಿಂಗಿಲಗಳನ್ನು ಎಣ್ಣೆಗಾಗಿಯೂ ಮಾಂಸಕ್ಕಾಗಿಯೂ ಕೊಂದರು. 1966ರಲ್ಲಿ ಅಂತರರಾಷ್ಟ್ರೀಯ ತಿಮಿಂಗಿಲ ಆಯೋಗವು ಅವುಗಳ ಬೇಟೆಯನ್ನು ನಿಷೇಧಿಸಿತು. ಅಳಿವಿನ ಅಂಚನ್ನು ಮುಟ್ಟಿದ್ದ ಜಾತಿ ಅಲ್ಲಿಂದೀಚೆಗೆ ಮೆಲ್ಲಮೆಲ್ಲನೆ ಚೇತರಿಸಿಕೊಳ್ಳುತ್ತಿದೆ. ಹೆಸರಿನ ಹಿಂದಿರುವ ಭರವಸೆ ಇದೇ.

ಆದರೆ ಈ ತಿಮಿಂಗಿಲದ ನಿಜವಾದ ಬೆಲೆ ಅದರ ಗಾತ್ರದಲ್ಲಿಲ್ಲ. ಮೂಳೆಗಳೊಡನೆ ಅದರ ಬಾಯಿಯ ಜರಡಿಯ ಫಲಕಗಳನ್ನೂ ಸಂಗ್ರಹಾಲಯದವರು ತೆಗೆದಿರಿಸಿದ್ದರು. ನೀಲಿ ತಿಮಿಂಗಿಲಕ್ಕೆ ಹಲ್ಲಿಲ್ಲ. ಮೇಲ್ದವಡೆಯಿಂದ ಇಳಿಬಿದ್ದ ಈ ಫಲಕಗಳಲ್ಲಿ ನೀರನ್ನು ಸೋಸಿ, ಸೀಗಡಿಯಂಥ ಸಣ್ಣ ಜೀವಿಗಳನ್ನು ಅದು ತಿನ್ನುತ್ತದೆ. ಫಲಕ ನಮ್ಮ ಉಗುರಿನಂತೆ ಬುಡದಿಂದ ಬೆಳೆಯುತ್ತ ಹೋಗುವ ವಸ್ತು. ಆದ್ದರಿಂದ ತುದಿಯ ಭಾಗ ಹಳೆಯದು, ಬುಡದ್ದು ಹೊಸದು. ತಿಂದ ಆಹಾರದಲ್ಲಿನ ಇಂಗಾಲ ಮತ್ತು ಸಾರಜನಕಗಳ ಐಸೊಟೋಪುಗಳು ಆಯಾ ಕಾಲದಲ್ಲಿ ಬೆಳೆದ ಭಾಗದಲ್ಲಿ ಸೇರಿಕೊಂಡಿರುತ್ತವೆ. ಅವುಗಳ ಪ್ರಮಾಣ ಕಡಲಿನಿಂದ ಕಡಲಿಗೆ ವ್ಯತ್ಯಾಸವಾಗುತ್ತದೆ. ಈ ತತ್ತ್ವವನ್ನು ಅನುಸರಿಸಿ ವಿಜ್ಞಾನಿಗಳು ಆ ಫಲಕವನ್ನು ಬುಡದಿಂದ ತುದಿಯವರೆಗೆ ಪರೀಕ್ಷಿಸಿ, ತಿಮಿಂಗಿಲದ ಕೊನೆಯ ಏಳು ವರ್ಷಗಳ ಸಂಚಾರವನ್ನು ಊಹಿಸಿದ್ದಾರೆ. 1891ರಲ್ಲಿ ಫಲಕವನ್ನು ಎತ್ತಿಟ್ಟವರಿಗೆ ಐಸೊಟೋಪು ಎಂಬ ಪದವೇ ಗೊತ್ತಿರಲಿಲ್ಲ ಎಂಬುದನ್ನು ಇಲ್ಲಿ ಗಮನಿಸಬೇಕು. ಸಾಕ್ಷಿ ಅಂದೇ ಇತ್ತು. ಅದನ್ನು ವಿಚಾರಿಸುವ ಪ್ರಶ್ನೆ ನೂರಕ್ಕೂ ಹೆಚ್ಚು ವರ್ಷಗಳ ಅನಂತರ ಬಂದಿತು.

ಸಭಾಂಗಣದ ಕೊನೆಯ ಮಹಾಸೋಪಾನದಲ್ಲಿ ಚಾರ್ಲ್ಸ್ ಡಾರ್ವಿನ್ನನ ಅಮೃತಶಿಲೆಯ ಪ್ರತಿಮೆ ಕುಳಿತಿದೆ. ಮಂದಿರವನ್ನು ಕಟ್ಟಿಸಿದ ಓವೆನ್ ಡಾರ್ವಿನ್ನನ ಸಿದ್ಧಾಂತವನ್ನು ಬಲವಾಗಿ ವಿರೋಧಿಸಿದವನು. ವಿಚಿತ್ರವೆಂದರೆ, ಆ ಸಿದ್ಧಾಂತಕ್ಕೆ ಒದಗಿದ ಅತ್ಯುತ್ತಮ ಸಾಕ್ಷ್ಯಗಳಲ್ಲಿ ಒಂದನ್ನು ಸಂಗ್ರಹಾಲಯಕ್ಕೆ ತರಿಸಿದವನೂ ಓವೆನ್ನನೇ! ಜರ್ಮನಿಯ ಬವೇರಿಯಾ ಪ್ರಾಂತದ ಜೋಲ್ನ್‌ಹೋಫೆನ್ ಬಳಿ ಕಲ್ಲಚ್ಚಿನ ಮುದ್ರಣಕ್ಕೆ ಒದಗುವ ನುಣುಪಾದ ಸುಣ್ಣಕಲ್ಲಿನ ಗಣಿಗಳಿವೆ. ಅಲ್ಲಿ 1861ರಲ್ಲಿ ಕಾಣಿಸಿಕೊಂಡ ಪಳೆಯುಳಿಕೆಯೊಂದನ್ನು, ಇತರ ಪಳೆಯುಳಿಕೆಗಳೊಡನೆ ಸೇರಿಸಿ, 1862ರಲ್ಲಿ 700 ಪೌಂಡುಗಳಿಗೆ ಕೊಂಡರು. ಅದೇ ಆರ್ಕಿಯೋಪ್ಟೆರಿಕ್ಸ್. ಹಕ್ಕಿಯಂತೆ ಗರಿ, ಉರಗದಂತೆ ಮೂಳೆಯ ಉದ್ದ ಬಾಲ, ರೆಕ್ಕೆಯಲ್ಲಿ ಉಗುರು. ಈ ಜಾತಿಗೆ ಹಲ್ಲುಗಳೂ ಇದ್ದುವು. ಸುಮಾರು 15 ಕೋಟಿ ವರ್ಷಗಳ ಹಿಂದೆ ಬದುಕಿದ್ದ ಈ ಜೀವಿ ಉರಗ ಮತ್ತು ಪಕ್ಷಿಗಳ ನಡುವಣ ಸೇತುವೆಯಾಗಿ ನಿಂತಿತು.

ಆದರೆ ಇದು ಹಾರಬಲ್ಲುದಾಗಿತ್ತೆ? ಈ ವಾದ ಬಹಳ ಕಾಲ ನಡೆಯಿತು. ಕೊನೆಗೆ ಅದೇ ಮಾದರಿಯ ತಲೆಬುರುಡೆಯನ್ನು ಗಣಕಯಂತ್ರದ ನೆರವಿನಿಂದ ಕ್ಷ-ಕಿರಣಗಳಲ್ಲಿ ಪದರ ಪದರವಾಗಿ ಚಿತ್ರಿಸಿ, ಮಿದುಳಿದ್ದ ಪೊಳ್ಳಿನ ಆಕಾರವನ್ನು ಪುನರ್ರಚಿಸಿದರು. ಫಲಿತಾಂಶ 2004ರಲ್ಲಿ ಪ್ರಕಟವಾಯಿತು. ದೃಷ್ಟಿಗೆ ಸಂಬಂಧಿಸಿದ ಮಿದುಳಿನ ಭಾಗಗಳೂ ಸಮತೋಲವನ್ನು ಕಾಯುವ ಒಳಕಿವಿಯೂ ಹಕ್ಕಿಗಳಲ್ಲಿರುವಂತೆ ಬೆಳೆದಿದ್ದುವು. ಹಾರಾಟಕ್ಕೆ ಬೇಕಾದ ನರಸಿದ್ಧತೆ ಅದರಲ್ಲಿತ್ತು. ಮಾದರಿ ಬಂದು 140 ವರ್ಷಗಳಾದ ಮೇಲೆ ಅದು ಈ ಉತ್ತರವನ್ನು ಕೊಟ್ಟಿತು.

ಮಹಡಿಯನ್ನು ಇನ್ನೂ ಏರಿದರೆ ಕ್ಯಾಲಿಫೋರ್ನಿಯಾದ ಸಿಕೋಯ ಮಹಾವೃಕ್ಷದ ಕಾಂಡದ ಅಡ್ಡಸೀಳೊಂದಿದೆ. 1890ರ ದಶಕದ ಮೊದಲಲ್ಲಿ ಕಡಿದ ಈ ಮರದಲ್ಲಿ 1,300ಕ್ಕೂ ಹೆಚ್ಚು ವಾರ್ಷಿಕ ವಲಯಗಳಿವೆ. ಒಂದನೆಯ ಪುಲಕೇಶಿ ಬಾದಾಮಿಯ ಕೋಟೆಯನ್ನು ಕಟ್ಟಿಸಿದ 543ರ ಸುಮಾರಿನ ಕಾಲದಲ್ಲಿ ಮೊಳೆತ ಗಿಡವಿದು ಎಂದರೆ ಅದರ ವಯಸ್ಸು ನಮಗೆ ಅರಿವಾದೀತು. ಅನುಕೂಲ ವರ್ಷದಲ್ಲಿ ವಲಯ ಅಗಲ, ಬರಗಾಲದಲ್ಲಿ ಕಿರಿದು. ಮರ ತಾನು ಕಂಡ ಹವೆಯ ದಿನಚರಿಯನ್ನು ತಾನೇ ಬರೆದಿಟ್ಟಿದೆ.

ಈ ಸಂಗ್ರಹಾಲಯದ ಪಕ್ಷಿವಿಭಾಗ ಲಂಡನ್ನಿನ ಹೊರಗೆ ಟ್ರಿಂಗ್ ಎಂಬ ಊರಿನಲ್ಲಿದೆ. ಅಲ್ಲಿನ ಅರೆಗಳಲ್ಲಿ ಹಕ್ಕಿಗಳ ತೊಗಲುಗಳೊಡನೆ ಮೊಟ್ಟೆಗಳ ಚಿಪ್ಪುಗಳೂ ಸಾಲುಸಾಲಾಗಿವೆ. ಸಾವಿರಾರು ಮೊಟ್ಟೆಯ ಚಿಪ್ಪುಗಳಿಂದ ಏನು ಪ್ರಯೋಜನವೆಂದು ಯಾರಾದರೂ ನಕ್ಕಾರು. 1950ರ ದಶಕದಲ್ಲಿ ಬ್ರಿಟನ್ನಿನ ಬೈರಿ ಹಕ್ಕಿಗಳ ಗೂಡುಗಳಲ್ಲಿ ಮೊಟ್ಟೆಗಳು ಒಡೆದುಹೋಗತೊಡಗಿದುವು. ಹಕ್ಕಿಗಳ ಸಂಖ್ಯೆ ಕುಸಿಯಿತು. ಡೆರೆಕ್ ರ‍್ಯಾಟ್‌ಕ್ಲಿಫ್ ಎಂಬ ವಿಜ್ಞಾನಿ ಸಂಗ್ರಹಗಳಲ್ಲಿದ್ದ ಹಳೆಯ ಚಿಪ್ಪುಗಳನ್ನು ಅಳೆದು, ತೂಗಿ, ಹೊಸವುಗಳೊಡನೆ ಹೋಲಿಸಿದನು. 1947ರ ಸುಮಾರಿನಿಂದ ಚಿಪ್ಪು ಹಠಾತ್ತಾಗಿ ತೆಳುವಾಗಿತ್ತು. ತೂಕದಲ್ಲಿ ಹೆಚ್ಚು ಕಡಿಮೆ ಐದರಲ್ಲಿ ಒಂದು ಪಾಲು ಇಳಿದಿತ್ತು. ಎರಡನೆಯ ಮಹಾಯುದ್ಧದ ಅನಂತರ ಹೊಲಗಳಲ್ಲಿ ಡಿ.ಡಿ.ಟಿ. ಎಂಬ ಕೀಟನಾಶಕದ ಬಳಕೆ ಹರಡಿದುದೂ ಅದೇ ಕಾಲದಲ್ಲಿ. ಕೀಟದಿಂದ ಸಣ್ಣ ಹಕ್ಕಿಗೆ, ಸಣ್ಣ ಹಕ್ಕಿಯಿಂದ ಬೈರಿಗೆ ಸಾಗುತ್ತ ವಿಷ ಸಾಂದ್ರವಾಗುತ್ತದೆ. ಚಿಪ್ಪಿಗೆ ಕ್ಯಾಲ್ಸಿಯಂ ಒದಗುವುದನ್ನು ಅದು ತಡೆಯುತ್ತದೆ. 1967ರಲ್ಲಿ ಪ್ರಕಟವಾದ ಈ ಶೋಧನೆ ಡಿ.ಡಿ.ಟಿ. ವಿರುದ್ಧ ಬಲವಾದ ಸಾಕ್ಷ್ಯವಾಯಿತು. 1972ರಲ್ಲಿ ಅಮೆರಿಕ ಸಂಯುಕ್ತ ಸಂಸ್ಥಾನ ಬೆಳೆಗಳ ಮೇಲೆ ಅದರ ಬಳಕೆಯನ್ನು ನಿಷೇಧಿಸಿತು. ಹಳೆಯ ಮೊಟ್ಟೆಗಳನ್ನು ಯಾರೂ ಇಟ್ಟಿರದಿದ್ದರೆ 'ಮೊದಲು ಚಿಪ್ಪು ಎಷ್ಟು ದಪ್ಪವಾಗಿತ್ತು?' ಎಂಬ ಪ್ರಶ್ನೆಗೆ ಉತ್ತರವೇ ಇರುತ್ತಿರಲಿಲ್ಲ.

ಸಂಗ್ರಹವು ಸತ್ಯವನ್ನು ಕಾಪಾಡುವಂತೆ ಸುಳ್ಳನ್ನೂ ಬಯಲಿಗೆಳೆಯುತ್ತದೆ. 1912ರಲ್ಲಿ ಚಾರ್ಲ್ಸ್ ಡಾಸನ್ ಎಂಬ ವಕೀಲನೂ ಈ ಸಂಗ್ರಹಾಲಯದ ಆರ್ಥರ್ ಸ್ಮಿತ್ ವುಡ್‌ವರ್ಡ್ ಎಂಬ ವಿದ್ವಾಂಸನೂ ಸೇರಿ, ಪಿಲ್ಟ್‌ಡೌನ್ ಎಂಬಲ್ಲಿ ದೊರೆತ ಬುರುಡೆಯ ಚೂರುಗಳನ್ನು ಆದಿಮಾನವನದೆಂದು ಸಾರಿದರು. ನಲವತ್ತು ವರ್ಷಗಳ ಕಾಲ ಅದು ಗ್ರಂಥಗಳಲ್ಲಿ ನಿಂತಿತು. ನೆಲದಲ್ಲಿ ಹುದುಗಿದ ಮೂಳೆ ಅಂತರ್ಜಲದಿಂದ ಫ್ಲೋರಿನ್ನನ್ನು ನಿಧಾನವಾಗಿ ಹೀರಿಕೊಳ್ಳುತ್ತದೆ. ಹೆಚ್ಚು ಕಾಲ ಹುದುಗಿದ್ದರೆ ಹೆಚ್ಚು ಫ್ಲೋರಿನ್. ಇದೇ ಸಂಗ್ರಹಾಲಯದ ಕೆನೆತ್ ಓಕ್ಲಿ ಈ ಪರೀಕ್ಷೆಯನ್ನು ನಡೆಸಿದಾಗ ಮೂಳೆಗಳು ಅಷ್ಟು ಪ್ರಾಚೀನವಲ್ಲವೆಂದು ಕಂಡಿತು. 1953ರಲ್ಲಿ ಮೋಸ ಪೂರ್ಣವಾಗಿ ಹೊರಬಿದ್ದಿತು: ಬುರುಡೆ ಮನುಷ್ಯನದು, ದವಡೆ ವಾನರನದು, ಹಲ್ಲುಗಳನ್ನು ಅರದಿಂದ ಉಜ್ಜಿ, ಮೂಳೆಗೆ ಬಣ್ಣ ಹಚ್ಚಿದ್ದರು. ದವಡೆ ಒರಾಂಗುಟಾನದ್ದೆಂಬುದನ್ನು 2016ರಲ್ಲಿ ಪ್ರಕಟವಾದ ಡಿ.ಎನ್.ಎ. ಪರೀಕ್ಷೆ ಸ್ಥಿರಪಡಿಸಿತು. ವಿಜ್ಞಾನಿಗಳೂ ಮೋಸಹೋಗುತ್ತಾರೆ. ಆದರೆ ಮೂಲವಸ್ತು ಉಳಿದಿದ್ದರೆ ತೀರ್ಪನ್ನು ಮತ್ತೆ ವಿಮರ್ಶಿಸುವುದು ಸಾಧ್ಯ.

ಇಷ್ಟು ಹೊತ್ತು ನೋಡಿದುದೆಲ್ಲ ಸಂಗ್ರಹದ ಅತ್ಯಲ್ಪ ಭಾಗ. ಒಟ್ಟು ವಸ್ತುಗಳು ಸುಮಾರು ಎಂಟು ಕೋಟಿ. ಬಹುಪಾಲು ತೆರೆಯ ಹಿಂದೆಯೇ ಇರುತ್ತವೆ. ಅವುಗಳಲ್ಲಿ ಸುಮಾರು 2 ಕೋಟಿ 20 ಲಕ್ಷ ಮಾದರಿಗಳು ಮದ್ಯಸಾರದಲ್ಲಿ ನೆನೆದಿವೆ. 2002ರಲ್ಲಿ ತೆರೆದ ಡಾರ್ವಿನ್ ಕೇಂದ್ರದಲ್ಲಿ ಅವನ್ನಿಟ್ಟ ಅರೆಗಳ ಉದ್ದವೇ 27 ಕಿಲೋಮೀಟರ್. ಇಲ್ಲಿಗೆ ಸಣ್ಣ ಗುಂಪುಗಳನ್ನು ಮಾರ್ಗದರ್ಶಕರು ಕರೆದೊಯ್ದು ತೋರಿಸುವ ಏರ್ಪಾಡುಂಟು. ಮದ್ಯಸಾರದ ಆವಿಗೆ ಬೆಂಕಿ ತಗಲಬಾರದೆಂದು ಕೊಠಡಿಗಳನ್ನು ತಂಪಾಗಿಟ್ಟಿರುತ್ತಾರೆ. ಫಾಕ್‌ಲ್ಯಾಂಡ್ ದ್ವೀಪಗಳ ಬಳಿ 2004ರಲ್ಲಿ ಮೀನುಬಲೆಗೆ ಸಿಕ್ಕ 8.62 ಮೀಟರ್ ಉದ್ದದ ದೈತ್ಯ ಸ್ಕ್ವಿಡ್ ಇಲ್ಲಿನ ಗಾಜಿನ ತೊಟ್ಟಿಯಲ್ಲಿ ಮಲಗಿದೆ. ಡಾರ್ವಿನ್ ಬೀಗಲ್ ನೌಕೆಯ ಯಾನದಲ್ಲಿ ಕೈಯಾರೆ ಹಿಡಿದ ಜೀವಿಗಳೂ ಇಲ್ಲುಂಟು.

ಆದರೆ ವಿಜ್ಞಾನಿಗಳಿಗೆ ಇವೆಲ್ಲಕ್ಕಿಂತ ಮಿಗಿಲಾದವು ವಿಶೇಷ ಗುರುತು ಪಡೆದ ಕೆಲವು ಸೀಸೆಗಳು. ಹೊಸ ಜಾತಿಯೊಂದಕ್ಕೆ ಹೆಸರಿಡುವಾಗ ಒಂದು ಮಾದರಿಯನ್ನು ಆ ಹೆಸರಿಗೆ ಆಧಾರವಾಗಿ ಗೊತ್ತುಮಾಡುತ್ತಾರೆ. ಇದನ್ನು ಮೂಲಮಾದರಿ ಎನ್ನಬಹುದು. ಮುಂದೆ ಸಂದೇಹ ಬಂದಾಗ ಇದರೊಡನೆ ಹೋಲಿಸಿಯೇ ನಿರ್ಣಯಿಸಬೇಕು. ಹತ್ತೊಂಬತ್ತನೆಯ ಶತಮಾನದಲ್ಲಿ ಮದರಾಸು ಪ್ರಾಂತದ ಅರಣ್ಯಾಧಿಕಾರಿಯಾಗಿದ್ದ ಬೆಡ್ಡೋಮ್ ದಕ್ಷಿಣ ಭಾರತದ ಬೆಟ್ಟಕಾಡುಗಳಲ್ಲಿ ಸಂಗ್ರಹಿಸಿದ ಅನೇಕ ಕಪ್ಪೆ, ಹಾವುಗಳ ಮೂಲಮಾದರಿಗಳು ಲಂಡನ್ನಿನಲ್ಲಿವೆ. ನಮ್ಮ ಪಶ್ಚಿಮಘಟ್ಟದ ಕಪ್ಪೆಯ ಹೆಸರನ್ನು ನಿರ್ಣಯಿಸಲು ನಮ್ಮವರು ಅಷ್ಟು ದೂರ ಹೋಗಬೇಕಾಗಿರುವುದು ಪರಾಧೀನತೆಯ ಕಾಲದ ಒಂದು ಶೇಷ.

ಇದರ ಮತ್ತೊಂದು ಮುಖವನ್ನೂ ನೋಡಬೇಕು. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಪ್ರಾಣಿಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಸಿ. ಆರ್. ನಾರಾಯಣರಾಯರು 1937ರಲ್ಲಿ ಹಾಸನ ಜಿಲ್ಲೆಯ ಕೆಂಪುಹೊಳೆ ಮೊದಲಾದ ಕಾಡುಗಳ ಹಲವು ಹೊಸ ಕಪ್ಪೆಗಳನ್ನು ವರ್ಣಿಸಿ ಪ್ರಕಟಿಸಿದರು. ಅವರ ಮೂಲಮಾದರಿಗಳು ಕಾಲಾಂತರದಲ್ಲಿ ಕಳೆದುಹೋದುವು. ವರ್ಣನೆ ಉಳಿಯಿತು, ವಸ್ತು ಉಳಿಯಲಿಲ್ಲ. ಅವರು ಹೆಸರಿಸಿದ ಕಪ್ಪೆ ಇಂದು ಕಾಡಿನಲ್ಲಿ ಕೂಗುತ್ತಿರುವ ಯಾವ ಕಪ್ಪೆ ಎಂಬುದನ್ನು ನಿರ್ಣಯಿಸಲು ಮುಂದಿನ ಪೀಳಿಗೆಯವರು ಬಹಳ ಹೆಣಗಬೇಕಾಯಿತು. 2010ರಲ್ಲಿ ಪೊದೆಗಪ್ಪೆಗಳ ಒಂದು ಕುಲಕ್ಕೆ 'ರಾವೋರ್ಕೆಸ್ಟೆಸ್' ಎಂದು ಹೆಸರಿಟ್ಟು ವಿಜ್ಞಾನಿಗಳು ಅವರನ್ನು ಗೌರವಿಸಿದ್ದಾರೆ.

ಕಳೆದುಕೊಳ್ಳುವುದು ಎಷ್ಟು ಸುಲಭ! ದೆಹಲಿಯ ರಾಷ್ಟ್ರೀಯ ಪ್ರಕೃತಿಚರಿತ್ರೆಯ ಸಂಗ್ರಹಾಲಯ 2016ರ ಏಪ್ರಿಲ್ 26ರಂದು ಬೆಂಕಿಗೆ ಆಹುತಿಯಾಯಿತು. 2018ರ ಸೆಪ್ಟೆಂಬರ್ 2ರ ರಾತ್ರಿ ಬ್ರೆಜಿಲ್ ದೇಶದ ರಾಷ್ಟ್ರೀಯ ಸಂಗ್ರಹಾಲಯ ಉರಿದು, ಇನ್ನೂರು ವರ್ಷಗಳಲ್ಲಿ ಕೂಡಿಸಿದ ಸುಮಾರು ಎರಡು ಕೋಟಿ ವಸ್ತುಗಳಲ್ಲಿ ಬಹುಭಾಗ ಬೂದಿಯಾಯಿತು. ಕಟ್ಟಡವನ್ನು ಮತ್ತೆ ಕಟ್ಟಬಹುದು; ನೂರು ವರ್ಷಗಳ ಹಿಂದಿನ ಕಾಡಿನಿಂದ ಒಂದು ಕೀಟವನ್ನು ಮತ್ತೆ ಹಿಡಿದು ತರಲಾಗದು.

ಹೀಗೆ ನೋಡಿದಾಗ ನಮ್ಮ ಮೊದಲ ಪ್ರಶ್ನೆಗೆ ಉತ್ತರ ತಾನಾಗಿ ದೊರೆಯುತ್ತದೆ. ಚಿತ್ರಕಾರನು ತಾನು ಕಂಡುದನ್ನು ಮಾತ್ರ ಬರೆಯುತ್ತಾನೆ. ವಸ್ತುವಿನಲ್ಲಾದರೋ ಇನ್ನೂ ಯಾರೂ ಕಾಣದುದೂ ಅಡಗಿರುತ್ತದೆ. ಒಂದೇ ಮಾದರಿ ಸಾಲದು. ಏಕೆಂದರೆ ಬದಲಾವಣೆ ತಿಳಿಯುವುದು ಬೇರೆ ಬೇರೆ ಕಾಲದ, ಬೇರೆ ಬೇರೆ ಸ್ಥಳಗಳ ಮಾದರಿಗಳ ಹೋಲಿಕೆಯಿಂದ. ಈ ಹೋಲಿಕೆಗೆ ಆಧಾರ ಪ್ರತಿಯೊಂದಕ್ಕೂ ಕಟ್ಟಿದ ಸಣ್ಣ ಚೀಟಿ: ಎಲ್ಲಿ ದೊರೆಯಿತು, ಯಾವ ದಿನ, ಯಾರು ತಂದರು. ಈ ಮೂರು ತಿಳಿಯದಿದ್ದರೆ ಅಪೂರ್ವ ಪ್ರಾಣಿಯೂ ಬಹುಮಟ್ಟಿಗೆ ಮೂಕಸಾಕ್ಷಿಯೇ.

ಇದನ್ನರಿಯಲು ಎಲ್ಲರೂ ಲಂಡನ್ನಿಗೆ ಹೋಗಬೇಕಾಗಿಲ್ಲ. ಮೈಸೂರಿನಲ್ಲಿ 1995ರಲ್ಲಿ ಆರಂಭವಾದ ಪ್ರಾದೇಶಿಕ ಪ್ರಕೃತಿಚರಿತ್ರೆಯ ಸಂಗ್ರಹಾಲಯವಿದೆ. ಅದಕ್ಕಿಂತ ಹತ್ತಿರದಲ್ಲಿ, ಅನೇಕ ಕಾಲೇಜುಗಳ ಪ್ರಾಣಿಶಾಸ್ತ್ರ ವಿಭಾಗಗಳಲ್ಲಿ ಧೂಳು ಹಿಡಿದ ಬೀರುಗಳೂ ಫಾರ್ಮಲಿನ್ ತುಂಬಿದ ಸೀಸೆಗಳೂ ಇವೆ. ಮುಂದಿನ ಸಲ ಅವುಗಳ ಮುಂದೆ ನಿಂತಾಗ ಪ್ರಾಣಿಯನ್ನು ನೋಡಿದ ಬಳಿಕ ಚೀಟಿಯನ್ನೂ ಓದಿರಿ. ಶಾಯಿ ಮಾಸುತ್ತಿದ್ದರೆ ಅಧ್ಯಾಪಕರಿಗೆ ತಿಳಿಸಿ, ಅವರ ಅನುಮತಿ ಪಡೆದು, ಅದರಲ್ಲಿದ್ದುದನ್ನು ಅಕ್ಷರವೂ ತಪ್ಪದಂತೆ ಹೊಸ ಕಾಗದಕ್ಕೆ ಇಳಿಸಿ ಹಳೆಯದರೊಡನೆ ಇಡಿರಿ. ಆ ಸೀಸೆಯನ್ನು ಮುಂದೆ ಯಾರು, ಯಾವ ಪ್ರಶ್ನೆಯನ್ನು ಹಿಡಿದು ತೆರೆಯುವರೋ ಇಂದು ಹೇಳುವುದು ಯಾರಿಂದಲೂ ಆಗದು.