ರೊಟ್ಟಿ ಉಳೀತು, ಜೊತೆಗಿದ್ದ ತಪ್ಪಲ ಎಲ್ಲಿ ಹೋಯ್ತು?

ಈ ವಾರ ಬೆಳೆಯ ರೋಗ ಬಿಟ್ಟು ಬೆಳೆಯುವವರ ಹೊಟ್ಟೆಯ ಬಗ್ಗೆ ಬರೆಯುತ್ತಿದ್ದೇನೆ.

ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ಕಡೆಯ ರೈತರು ನನ್ನನ್ನು ಕರೆಸುವುದು ಲಿಂಬೆಯ ಕಜ್ಜಿರೋಗಕ್ಕೋ, ತೊಗರಿಯ ಕಾಯಿಕೊರಕಕ್ಕೋ. ಗಿಡ ನೋಡಿ ಮುಗಿಸಿ ಬೇವಿನ ನೆರಳಿಗೆ ಕುಳಿತರೆ ಮಾತು ಹೊಟ್ಟೆಗೆ ಬರುತ್ತದೆ. "ಉಂಡ ಕೂಡ್ಲೆ ಹೊಟ್ಟಿ ಉಬ್ಬತದ್ರಿ", "ಎರಡು ದಿನಕ್ಕೊಮ್ಮಿನೂ ಸಾಫ್ ಆಗವಲ್ದ್ರಿ", "ಎದಿ ಉರಿತದ, ರಾತ್ರಿ ನಿದ್ದಿ ಇಲ್ಲ". ಅಂಗಿಯ ಕಿಸೆಯಿಂದ ಗ್ಯಾಸಿನ ಗುಳಿಗೆ ಹೊರಬರುತ್ತದೆ. ಅಂಗಡಿಯವ ಕೊಟ್ಟದ್ದು, ವರ್ಷಗಟ್ಟಲೆ ನುಂಗುತ್ತಿರುವುದು. ನಾನು ಡಾಕ್ಟರ್ ಅಲ್ಲ. ತೋಟಗಾರಿಕೆ ಓದಿ ಸಾವಯವ ಬೇಸಾಯಕ್ಕೆ ಇಳಿದವನು. ಆದರೆ ಈ ತೊಂದರೆಯ ಒಂದು ದೊಡ್ಡ ಪಾಲು ಹೊಲದಲ್ಲೇ ಶುರುವಾಗುತ್ತದೆ ಎಂಬುದು ನನ್ನ ಕಣ್ಣಿಗೆ ಕಾಣುತ್ತದೆ. ಅಷ್ಟರ ಮಟ್ಟಿಗೆ ಹೇಳುತ್ತೇನೆ.

ನಮ್ಮ ಬಿಳಿ ಜೋಳದಲ್ಲಿ ಕೊರತೆ ಇಲ್ಲ. ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆಯ 2017ರ ಕೋಷ್ಟಕದ ಪ್ರಕಾರ 100 ಗ್ರಾಂ ಜೋಳದಲ್ಲಿ ಸುಮಾರು 10 ಗ್ರಾಂ ನಾರಿನಂಶ ಇದೆ, ಬಿಳಿ ಅಕ್ಕಿಯಲ್ಲಿ 3 ಗ್ರಾಂ ಸಹ ಇಲ್ಲ. ದೊಡ್ಡವರಿಗೆ ದಿನಕ್ಕೆ ಕನಿಷ್ಠ 25 ಗ್ರಾಂ ನಾರು, 400 ಗ್ರಾಂ ಕಾಯಿಪಲ್ಯೆ-ಹಣ್ಣು ಬೇಕೆಂದು ವಿಶ್ವ ಆರೋಗ್ಯ ಸಂಸ್ಥೆ 2023ರಲ್ಲಿ ಹೇಳಿತು. ಎರಡು ಹೊತ್ತು ರೊಟ್ಟಿ ಉಣ್ಣುವ ಮನೆಗೆ ನಾರಿನ ಲೆಕ್ಕ ಅರ್ಧಕ್ಕಿಂತ ಹೆಚ್ಚು ಅಲ್ಲೇ ಮುಗಿಯುತ್ತದೆ, ಹಿಟ್ಟನ್ನು ತೀರಾ ಸಣ್ಣಗೆ ಸಾಣಿಸಿ ತವುಡು ಚೆಲ್ಲದಿದ್ದರೆ. ಕಷ್ಟ ಇರುವುದು 400 ಗ್ರಾಂ ಕಾಯಿಪಲ್ಯೆಯಲ್ಲಿ.

ಹಿಂದೆ ಇದನ್ನು ಯಾರೂ ತೂಗುತ್ತಿರಲಿಲ್ಲ. ರೊಟ್ಟಿಯ ಜೊತೆ ಹಸಿ ಮೆಂತೆ, ಉಳ್ಳಾಗಡ್ಡಿ ತಪ್ಪಲ, ಮೂಲಂಗಿ, ಸವತಿಕಾಯಿ, ಗಜ್ಜರಿ ಇರುತ್ತಿದ್ದವು. ಒಂದು ಕಾಳಿನ ಪಲ್ಯೆ, ಒಂದು ತಪ್ಪಲ ಪಲ್ಯೆ, ಅಗಸಿ ಹಿಂಡಿ, ಕೊನೆಗೆ ಮಜ್ಜಿಗೆ. ಇದರಲ್ಲಿ ಸಂತೆಯಿಂದ ತಂದದ್ದು ಕಡಿಮೆ. ಡೋಣಿ ಸಾಲಿನ ಕರಿ ಎರಿಯಲ್ಲಿ ಹಿಂಗಾರಿ ಜೋಳದ ನಡುವೆ ಅಕ್ಕಡಿಯಾಗಿ ಕುಸುಬಿ, ಕಡಲಿ, ಅಗಸಿ ಹಾಕುತ್ತಿದ್ದರು. ಕುಸುಬಿಯ ಎಳೆ ಎಲೆ ಪಲ್ಯೆಗೆ, ಕಡಲಿಯ ಕುಡಿ ಚಿವುಟಿದರೆ ಹುಳಿ ಪಲ್ಯೆಗೆ. ಚಿವುಟಿದ ಕಡಲಿ ಟಿಸಿಲೊಡೆದು ಹೆಚ್ಚು ಕಾಯಿ ಬಿಡುವುದು ಬೇರೆ ಲಾಭ. ಯಾರೂ ಬಿತ್ತದ ಹಕ್ಕರಕಿ ಸಾಲಿನ ನಡುವೆ ತಾನೇ ಹುಟ್ಟುತ್ತಿತ್ತು. ಕಳೆ ತೆಗೆಯಲು ಹೋದ ಹೆಣ್ಣುಮಕ್ಕಳು ಉಡಿಯಲ್ಲಿ ಹಕ್ಕರಕಿ ಕಟ್ಟಿಕೊಂಡೇ ಮನೆಗೆ ಬರುತ್ತಿದ್ದರು.

ಈಗ ಆಲಮಟ್ಟಿಯ ನೀರು ಕಾಲುವೆ, ಏತ ನೀರಾವರಿಯಲ್ಲಿ ಬಾಗೇವಾಡಿ, ಮುದ್ದೇಬಿಹಾಳದ ಹೊಲಗಳಿಗೆ ಬಂದಿದೆ. ಭೀಮಾ ದಂಡೆಯಲ್ಲಿ ಕಬ್ಬು ನಿಂತಿದೆ, ಒಣ ಹೊಲದಲ್ಲಿ ತೊಗರಿಯೊಂದೇ. ನೀರು ಬಂದದ್ದು ಕೆಟ್ಟದ್ದೆಂದು ನಾನು ಹೇಳಲಾರೆ, ಆ ನೀರಿಗಾಗಿ ಜನ ಊರನ್ನೇ ಮುಳುಗಿಸಿಕೊಂಡಿದ್ದಾರೆ. ಆದರೆ ಒಂದೇ ಬೆಳೆ ಬಂದಾಗ ಅಕ್ಕಡಿ ಹೋಯಿತು, ಕಳೆನಾಶಕ ಬಂದಾಗ ಹಕ್ಕರಕಿ ಹೋಯಿತು. ತಪ್ಪಲ ಈಗ ಸಂತೆಯ ವಸ್ತು. ವಾರದ ಸಂತೆಯಲ್ಲಿ ತಂದದ್ದು ಮೂರು ದಿನಕ್ಕೆ ಬಾಡುತ್ತದೆ. ಉಳಿದ ನಾಲ್ಕು ದಿನ ಆಲೂಗಡ್ಡೆ, ಬೇಳೆ ಸಾರು, ಅನ್ನ. ಎಂಟು ಎಕರೆ ನೀರಾವರಿ ಇದ್ದ ಮನೆಯಲ್ಲಿ ಕೊತ್ತಂಬರಿ ಸೂಡು ಕೊಳ್ಳುವುದನ್ನು ನೋಡಿದರೆ ನನಗೆ ಸಿಟ್ಟೇ ಬರುತ್ತದೆ.

ವರ್ಷದಲ್ಲಿ ಎರಡು ದಿನ ಮಾತ್ರ ಹಳೆಯ ತಾಟು ತಿರುಗಿ ಬರುತ್ತದೆ: ಎಳ್ಳಮಾವಾಸ್ಯೆಗೆ ಹೊಲದಲ್ಲಿ ಚರಗ ಚೆಲ್ಲಿ ಉಣ್ಣುವಾಗ, ಸಂಕ್ರಾಂತಿಯ ಹಿಂದಿನ ಭೋಗಿಗೆ. ಸಜ್ಜಿ ರೊಟ್ಟಿ, ಪುಂಡಿ ಪಲ್ಯೆ, ಬದನೆಕಾಯಿ, ಹಸಿ ಕಡಲಿ, ಅವರೆ, ಗಜ್ಜರಿ ಎಲ್ಲ ಕೂಡಿಸಿದ ಪಲ್ಯೆ. ಅದೇ ಮಾದರಿ. ಹಬ್ಬದ ಎಣ್ಣೆ, ಹೋಳಿಗೆ ತೆಗೆದರೆ ದಿನದ ಊಟಕ್ಕೂ ನಡೆಯುತ್ತದೆ.

ಇನ್ನು ಹೊತ್ತಿನ ಮಾತು. ಬೆಳಿಗ್ಗೆ ಬರಿ ಹೊಟ್ಟೆಗೆ ಎರಡು ಚಹಾ, ಹನ್ನೊಂದಕ್ಕೆ ಅಡ್ಡೆಯಲ್ಲಿ ಮಿರ್ಚಿ ಭಜಿ, ಮಧ್ಯಾಹ್ನದ ಬುತ್ತಿ ಮೂರಕ್ಕೆ, ರಾತ್ರಿ ಹತ್ತೂವರೆಗೆ ಹೊಟ್ಟೆ ಬಿರಿಯುವಷ್ಟು ಅನ್ನ, ಉಂಡ ಕೂಡಲೇ ಹಾಸಿಗೆ. ಹೀಗೆ ನಡೆದರೆ ಎದೆ ಉರಿಯದೆ ಇದ್ದೀತೆ? ಮಲಗಿದಾಗ ಹೊಟ್ಟೆಯ ಆಮ್ಲ ಅನ್ನನಾಳಕ್ಕೆ ಏರುತ್ತದೆ. ಊಟಕ್ಕೂ ಮಲಗುವುದಕ್ಕೂ ಎರಡು-ಮೂರು ತಾಸು ಅಂತರ ಬೇಕು. ಪಂಪಿನ ತ್ರೀಫೇಸ್ ಕರೆಂಟು ರಾತ್ರಿ ಬಂದರೆ ರೈತ ಏನು ಮಾಡಬೇಕು ಎಂದು ನೀವು ಕೇಳಬಹುದು, ಕೇಳುವುದು ನ್ಯಾಯವೇ. ನನ್ನ ಸಲಹೆ ಇಷ್ಟು: ನೀರು ಹಾಯಿಸುವ ಪಾಳಿ ಇದ್ದ ದಿನ ಏಳಕ್ಕೇ ಊಟ ಮುಗಿಸಿ ಹೋಗಿ. ತಿರುಗಿ ಬಂದು ಹಸಿವಾದರೆ ಜೋಳದ ನುಚ್ಚಿಗೆ ಮಜ್ಜಿಗೆ ಸಾಕು.

"ಕಾಳು ತಿಂದ್ರ ಗ್ಯಾಸ್ ಆಗತದ" ಎಂದು ಕಾಳು ಬಿಟ್ಟವರು ಬಹಳ. ಕಾಳಿನಲ್ಲಿ ನಮ್ಮ ಸಣ್ಣ ಕರುಳಿಗೆ ಕರಗದ ಕೆಲವು ಸಕ್ಕರೆಗಳಿವೆ. ಅವು ದೊಡ್ಡ ಕರುಳಿಗೆ ಇಳಿದಾಗ ಅಲ್ಲಿಯ ಜೀವಾಣುಗಳು ತಿಂದು ಅನಿಲ ಬಿಡುತ್ತವೆ. ಮಡಕಿ, ಹೆಸರು, ಅಲಸಂದಿ ರಾತ್ರಿಯೆಲ್ಲ ನೆನೆಸಿ, ಆ ನೀರು ಚೆಲ್ಲಿ, ಬಟ್ಟೆಯಲ್ಲಿ ಕಟ್ಟಿ ಮೊಳಕೆ ಬರಿಸಿ, ಚೆನ್ನಾಗಿ ಬೇಯಿಸಿದರೆ ಈ ಸಕ್ಕರೆ ಬಹಳಷ್ಟು ಕಡಿಮೆಯಾಗುತ್ತದೆ. ನಮ್ಮ ಅವ್ವಂದಿರು ಮಾಡುತ್ತಿದ್ದದ್ದು ಇದನ್ನೇ. ಕಾಳು ಬಿಡಬೇಡಿ, ಜೋಳದ ಪ್ರೋಟೀನಿನಲ್ಲಿ ಇಲ್ಲದ್ದನ್ನು ತುಂಬುವುದು ಕಾಳೇ.

ಅಗಸಿಯನ್ನು ಹಾಗೇ ನುಂಗಿದರೆ ಹಾಗೇ ಹೊರಗೆ ಹೋಗುತ್ತದೆ. ಹುರಿದು ಕುಟ್ಟಿದ ಹಿಂಡಿಯೇ ಸರಿ, ದಿನಕ್ಕೆ ಒಂದೆರಡು ಚಮಚ. ಅದು ನೀರು ಹೀರಿ ಲೋಳೆಯಾಗಿ ಮಲವನ್ನು ಮೆತ್ತಗೆ ಮಾಡುತ್ತದೆ, ನೀರು ಕುಡಿದರೆ ಮಾತ್ರ. ಇವತ್ತಿನವರೆಗೆ ಅನ್ನ-ಸಾರು ಉಂಡವರು ನಾಳೆ ಒಮ್ಮೆಲೇ ತಪ್ಪಲ, ಕಾಳು, ಹಿಂಡಿ ಎಲ್ಲ ಶುರು ಮಾಡಿದರೆ ಹೊಟ್ಟೆ ಇನ್ನಷ್ಟು ಉಬ್ಬುತ್ತದೆ. ಎರಡು-ಮೂರು ವಾರದಲ್ಲಿ ನಿಧಾನವಾಗಿ ಏರಿಸಿ.

ಲಿಂಬೆಯ ವಿಷಯ ಹೇಳಿದರೆ ಇಂಡಿಯ ಬೆಳೆಗಾರರು ನನ್ನ ಮೇಲೆ ಬೇಸರ ಮಾಡಿಕೊಳ್ಳಬಾರದು. ಭೌಗೋಳಿಕ ಸೂಚಕ ಮಾನ್ಯತೆ ಪಡೆದ ನಮ್ಮ ಲಿಂಬೆ ದೊಡ್ಡ ವಸ್ತುವೇ. ಕಾಳಿನ ಪಲ್ಯೆಯ ಮೇಲೆ, ಹಸಿ ತಪ್ಪಲದ ಮೇಲೆ ಹಿಂಡಿದರೆ ಅದರ ಸಿ ಜೀವಸತ್ವ ಅವುಗಳಲ್ಲಿಯ ಕಬ್ಬಿಣ ಮೈಗೆ ಹತ್ತಲು ನೆರವಾಗುತ್ತದೆ. ಊಟದ ಜೊತೆಗಿನ ಚಹಾ ಇದಕ್ಕೆ ಉಲ್ಟಾ, ಕಬ್ಬಿಣವನ್ನು ತಡೆಯುತ್ತದೆ. ಆದರೆ ಎದೆಯುರಿ ಇದ್ದವರು ಮೊಬೈಲಿನಲ್ಲಿ ಯಾರೋ ಹೇಳಿದ್ದನ್ನು ಕೇಳಿ ನಸುಕಿನಲ್ಲಿ ಬರಿ ಹೊಟ್ಟೆಗೆ ಲಿಂಬೆ ನೀರು ಕುಡಿಯುವುದು ಬೇಡ. ಅದು ಉರಿಯನ್ನು ಹೆಚ್ಚಿಸಬಹುದು.

ಈಗ ಯಾರೂ ಬಾಯಿಬಿಟ್ಟು ಹೇಳದ ಒಂದು ಕಾರಣ. ಕಳೆ ತೆಗೆಯಲು, ಲಿಂಬೆ ಆರಿಸಲು, ದ್ರಾಕ್ಷಿ ಬಿಡಿಸಲು ಬರುವ ಹೆಣ್ಣುಮಕ್ಕಳು ಬೆಳಿಗ್ಗೆಯಿಂದ ಸಂಜೆತನಕ ನೀರು ಕುಡಿಯುವುದೇ ಇಲ್ಲ. ಬೇಸಿಗೆಯಲ್ಲಿ ನಮ್ಮ ಕಡೆ ಬಿಸಿಲು 40 ಡಿಗ್ರಿ ದಾಟುತ್ತದೆ. ಕೊಡ ತುಂಬಿಸಿ ನೆರಳಲ್ಲಿಟ್ಟರೂ ಮುಟ್ಟುವುದಿಲ್ಲ, ಏಕೆಂದರೆ ಮರೆ ಇಲ್ಲದ ಬಯಲು ಹೊಲ. ಮೂತ್ರಕ್ಕೆ ಹೋಗಬಾರದೆಂದು ನೀರು ಬಿಡುತ್ತಾರೆ, ಮಲ ಬಂದರೆ ತಡೆಯುತ್ತಾರೆ. ತಡೆದ ಮಲದ ನೀರನ್ನು ಕರುಳು ಹೀರಿಕೊಂಡು ಅದು ಗಟ್ಟಿಯಾಗುತ್ತದೆ. ವರ್ಷಗಟ್ಟಲೆ ಹೀಗಾದರೆ ಮೂಲವ್ಯಾಧಿಗೆ ದಾರಿ. ಇವರಿಗೆ "ದಿನಾ ಎಂಟು ಗ್ಲಾಸು ನೀರು ಕುಡೀರಿ" ಎಂದು ಉಪದೇಶ ಮಾಡಿ ಏನು ಬಂತು? ನಮ್ಮ ತೋಟದ ಮೂಲೆಯಲ್ಲಿ ನಾಲ್ಕು ಕಂಬಕ್ಕೆ ತಗಡು ಬಡಿದು ಒಂದು ಪಾಯಿಖಾನೆ, ಒಂದು ಡ್ರಮ್ ನೀರು, ಒಂದು ಸಾಬೂನು ಇಟ್ಟೆವು. ಆ ವಾರದಿಂದಲೇ ಕೊಡದ ನೀರು ಖಾಲಿಯಾಗತೊಡಗಿತು. ಹನಿ ನೀರಾವರಿಗೆ, ದ್ರಾಕ್ಷಿ ಚಪ್ಪರಕ್ಕೆ ಖರ್ಚು ಮಾಡುವ ಮಾಲಕರಿಗೆ ಇದು ಭಾರವಲ್ಲ.

ಆ ಸಾಬೂನು ಗಂಡಸರಿಗೂ ಬೇಕು. ಔಷಧಿ ಹೊಡೆದ ಕೈಯನ್ನು ಧೋತರಕ್ಕೆ ಒರೆಸಿ ಬುತ್ತಿ ಬಿಚ್ಚುವುದನ್ನು, ಅದೇ ಕೈಯಿಂದ ತಂಬಾಕು ತಿಕ್ಕುವುದನ್ನು ದಿನಾ ನೋಡುತ್ತೇವೆ. ಅದು ಅಜೀರ್ಣವಲ್ಲ, ವಿಷ. ಹಾಗೆಯೇ ಔಷಧಿ ಹೊಡೆದ ಹೊಲದ ಬದುವಿನ ತಪ್ಪಲ, ಗಟಾರ ನೀರಿನ ತಪ್ಪಲ ಹಸಿಯಾಗಿ ತಿನ್ನಬೇಡಿ.

ಮಲದಲ್ಲಿ ರಕ್ತ, ಡಾಂಬರಿನಂಥ ಕಪ್ಪು ಮಲ, ಕಾರಣವಿಲ್ಲದೆ ತೂಕ ಇಳಿಯುವುದು, ನುಂಗಲು ತೊಂದರೆ, ಎದೆಯುರಿ ಎಂದುಕೊಂಡದ್ದು ಬೆವರು ಬಂದು ಎಡಗೈಗೆ ಇಳಿಯುವುದು: ಇವಕ್ಕೆ ಮನೆಮದ್ದು ಇಲ್ಲ, ಗುಳಿಗೆ ಅಂಗಡಿಯೂ ಅಲ್ಲ. ನೇರ ದವಾಖಾನೆಗೆ ಹೋಗಿ.

ಉಳಿದವರಿಗೆ ಈ ವಾರದ ಕೆಲಸ ಹೇಳುತ್ತೇನೆ. ಬಾವಿ ಅಥವಾ ಬೋರಿನ ಹತ್ತಿರ 10 ಅಡಿ ಉದ್ದ, 4 ಅಡಿ ಅಗಲದ ನಾಲ್ಕು ಮಡಿ ಮಾಡಿ, ಚೆನ್ನಾಗಿ ಕೊಳೆತ ತಿಪ್ಪೆ ಗೊಬ್ಬರ ಬೆರೆಸಿ. ಎಲ್ಲ ಒಂದೇ ದಿನ ಬಿತ್ತಬೇಡಿ, ವಾರಕ್ಕೊಂದು ಮಡಿ. ಮೆಂತೆ, ರಾಜಗಿರಿ 25-30 ದಿನಕ್ಕೆ ಕೈಗೆ ಬರುತ್ತವೆ; ಮೂಲಂಗಿ 40-45 ದಿನ, ಅದರ ಎಲೆಯೂ ಪಲ್ಯೆಗೆ. ಅಂಚಿಗೆ ಹತ್ತು ಪುಂಡಿ ಗಿಡ ಇದ್ದರೆ ಚಿವುಟಿದಷ್ಟೂ ಚಿಗುರುತ್ತದೆ. ಒಂದು ಮಡಿ ಖಾಲಿಯಾಗುವ ಹೊತ್ತಿಗೆ ಮುಂದಿನದು ತಯಾರು. ಕೊತ್ತಂಬರಿ ಬೀಜವನ್ನು ಮಾತ್ರ ಮೆಲ್ಲಗೆ ತಿಕ್ಕಿ ಎರಡು ಹೋಳು ಮಾಡಿ, ರಾತ್ರಿ ನೆನೆಸಿ ಬಿತ್ತಿ. ಇಲ್ಲದಿದ್ದರೆ "ಬೀಜ ಹುಟ್ಟಲಿಲ್ರಿ" ಎಂದು ಎರಡು ವಾರದ ನಂತರ ನನಗೇ ಫೋನ್ ಬರುತ್ತದೆ.